ಬೊಸ್ಸುವಿನ ಕುಟ್ಟುಗಲ್ಲುಗಳು

ಪಶ್ಚಿಮ ಆಫ್ರಿಕಾದ ಗಿನಿ ದೇಶದ ಆಗ್ನೇಯ ಮೂಲೆಯಲ್ಲಿ, ರಾಜಧಾನಿ ಕೊನಾಕ್ರಿಯಿಂದ ಸುಮಾರು ಸಾವಿರ ಕಿಲೋಮೀಟರ್ ದೂರದಲ್ಲಿ ಬೊಸ್ಸು ಎಂಬ ಹಳ್ಳಿಯಿದೆ. ಅಲ್ಲಿಂದ ಲೈಬೀರಿಯಾದ ಗಡಿ ಕೂಗಳತೆಯಷ್ಟೇ ಎನ್ನಬೇಕು. ಊರಿನ ಸುತ್ತ ಮರಗೆಣಸು, ಭತ್ತ, ಪಪ್ಪಾಯ, ಬಾಳೆ. ಹೊಲಗಳ ನಡುನಡುವೆ ಕಾಡು ಹೊದ್ದ ಪುಟ್ಟ ಗುಡ್ಡಗಳು. ಹುಲ್ಲುಗಾವಲಿನ ಒಂದು ಪಟ್ಟಿ ದಾಟಿದರೆ ಕಬ್ಬಿಣದ ಅದಿರು ತುಂಬಿದ ನಿಂಬಾ ಪರ್ವತಸಾಲು. 1981ರಲ್ಲಿ ಯುನೆಸ್ಕೊ ಅದನ್ನು ವಿಶ್ವಪರಂಪರೆಯ ತಾಣವೆಂದು ಸಾರಿತು, 1992ರಿಂದ ಅದು ಅಪಾಯದಲ್ಲಿರುವ ತಾಣಗಳ ಪಟ್ಟಿಯಲ್ಲಿದೆ. ಬೊಸ್ಸುವಿನ ಗುಡ್ಡಗಳಲ್ಲಿ ಗ್ಬಾನ್ ಎಂಬುದು ಅಲ್ಲಿನ ಮನೊನ್ ಜನರಿಗೆ ಪವಿತ್ರ. ಕೊಡಗಿನ ದೇವರಕಾಡಿನ ಪರಿಚಯ ಇರುವವರಿಗೆ ಇದನ್ನು ಬಿಡಿಸಿ ಹೇಳಬೇಕಿಲ್ಲ. ಸತ್ತ ಹಿರಿಯರು ಚಿಂಪಾಂಜಿಗಳಾಗಿ ಈ ಗುಡ್ಡದಲ್ಲೇ ಇದ್ದಾರೆಂದು ಊರು ನಂಬುತ್ತದೆ. ನಮ್ಮಲ್ಲಿ ಒಂದೊಂದು ಬೆಡಗಿಗೆ ಒಂದೊಂದು ಪ್ರಾಣಿ ಇರುವಂತೆ ಅಲ್ಲಿನ ಹಳೆಯ ಮನೆತನವೊಂದರ ಕುಲಪ್ರಾಣಿ ಚಿಂಪಾಂಜಿ. ಹಾಗಾಗಿ ಅದನ್ನು ಬೇಟೆಯಾಡುವುದಿಲ್ಲ, ತಿನ್ನುವುದಿಲ್ಲ. ಸುತ್ತಲಿನ ಕಾಡೆಲ್ಲ ಕರಗಿದ ಮೇಲೂ ಐದಾರು ಚದರ ಕಿಲೋಮೀಟರ್ ಜಾಗದಲ್ಲಿ ಕಾಡು ಚಿಂಪಾಂಜಿಗಳ ಒಂದು ಗುಂಪು ಉಳಿದುಕೊಂಡದ್ದು ಈ ನಂಬಿಕೆಯ ಬಲದಿಂದ.

ಕ್ಯೋಟೊ ವಿಶ್ವವಿದ್ಯಾಲಯದ ಯುಕಿಮಾರು ಸುಗಿಯಾಮ 1976ರಲ್ಲಿ ಇಲ್ಲಿ ಅಧ್ಯಯನ ಆರಂಭಿಸಿದರು. ಹತ್ತು ವರ್ಷಗಳ ನಂತರ ತೆತ್ಸುರೊ ಮಾತ್ಸುಜಾವ ಬಂದು ಸೇರಿದರು. ಬೊಸ್ಸುವಿಗೆ ಜಗತ್ತಿನ ಹೆಸರು ತಂದುಕೊಟ್ಟದ್ದು ಎಣ್ಣೆತಾಳೆಯ ಬೀಜ. ಅದು ಅಡಕೆಗಿಂತ ಸಣ್ಣದು, ಆದರೆ ಹಲ್ಲಿಗೆ ಬಗ್ಗುವಂಥದ್ದಲ್ಲ. ಚಿಂಪಾಂಜಿ ನೆಲದ ಮೇಲೆ ಒಂದು ಚಪ್ಪಟೆ ಕಲ್ಲನ್ನು ಅಡಿಗಲ್ಲಾಗಿ ಇಟ್ಟುಕೊಂಡು, ಅದರ ಮೇಲೆ ಬೀಜವನ್ನು ಉರುಳದಂತೆ ಕೂರಿಸಿ, ಮುಷ್ಟಿಗೆ ಒಗ್ಗುವ ಇನ್ನೊಂದು ಕಲ್ಲಿನಿಂದ ಕುಟ್ಟುತ್ತದೆ. ಪೆಟ್ಟು ಜೋರಾದರೆ ತಿರುಳು ಚಿಪ್ಪಿನೊಂದಿಗೆ ನುಜ್ಜುಗುಜ್ಜಾಗುತ್ತದೆ, ಓರೆಯಾದರೆ ಬೀಜ ಚಿಮ್ಮಿ ಹುಲ್ಲಿಗೆ ಬೀಳುತ್ತದೆ. ಪಳಗಿದ ಕೈ ಎರಡು ಮೂರು ಪೆಟ್ಟಿಗೆ ಚಿಪ್ಪು ಬಿಡಿಸಿ, ಇನ್ನೊಂದು ಕೈಯಿಂದ ತಿರುಳೆತ್ತಿ ಬಾಯಿಗೆ ಹಾಕಿ, ಚೂರುಗಳನ್ನು ಬದಿಗೆ ಸರಿಸಿ, ಮುಂದಿನ ಬೀಜ ಇಡುತ್ತದೆ. ಕುಟ್ಟುವ ಕೈ ಎಡವೋ ಬಲವೋ ಒಮ್ಮೆ ನಿಂತಿತೆಂದರೆ ಆ ಪ್ರಾಣಿ ಬದುಕಿಡೀ ಅದೇ ಕೈಯಲ್ಲಿ ಕುಟ್ಟುತ್ತದೆ. ಅಡಿಗಲ್ಲು ಓರೆಯಾಗಿದ್ದರೆ ಕೆಳಗೆ ಮೂರನೆಯ ಕಲ್ಲೊಂದನ್ನು ಸಂದಿಗೆ ಕೊಟ್ಟು ಸಮ ಮಾಡಿಕೊಂಡ ಕೆಲವು ಚಿಂಪಾಂಜಿಗಳನ್ನೂ ಇಲ್ಲಿ ಕಂಡಿದ್ದಾರೆ. ಕಲ್ಲಿಗೆ ಕಲ್ಲಿನ ಆಸರೆ ಕೊಡುವ ಈ ಯೋಚನೆ ಸಣ್ಣದಲ್ಲ.

ಇಷ್ಟನ್ನು ಓದಿದವರು ಚಿಂಪಾಂಜಿ ಬಹಳ ಬುದ್ಧಿವಂತ ಪ್ರಾಣಿ ಎಂದು ಮೆಚ್ಚಿ ಸುಮ್ಮನಾಗುತ್ತಾರೆ. ಬೊಸ್ಸು ಹೇಳುವ ಮಾತು ಅದಲ್ಲ ಎಂಬುದು ನನ್ನ ವಾದ. ಇಲ್ಲಿನ ಜಾಣ್ಮೆ ಒಂದೊಂದು ತಲೆಯೊಳಗೆ ಹುಟ್ಟಿ ಅಲ್ಲೇ ಉಳಿಯುವ ಸರಕಲ್ಲ. ಅದು ಒಂದು ಗುಂಪಿನ ಸ್ವತ್ತು, ಒಂದು ಜಾಗದ ಸ್ವತ್ತು. ಮರಿಗಳು ಕಲಿಯುವ ರೀತಿ ನೋಡಿ. ಒಂದು ವರ್ಷದ ಮರಿ ಬೀಜದೊಂದಿಗೆ ಆಡುತ್ತದೆ, ಕಲ್ಲಿನೊಂದಿಗೂ ಆಡುತ್ತದೆ, ಎರಡಕ್ಕೂ ನಂಟು ಗೊತ್ತಿಲ್ಲ. ಎರಡು ವರ್ಷಕ್ಕೆ ಬೀಜವನ್ನು ಕಲ್ಲಿನ ಮೇಲಿಟ್ಟು ಅಂಗೈಯಿಂದ ಬಡಿಯುತ್ತದೆ, ಏನೂ ಆಗುವುದಿಲ್ಲ. ಬೀಜ, ಅಡಿಗಲ್ಲು, ಕುಟ್ಟುಗಲ್ಲು ಮೂರನ್ನೂ ಸರಿಯಾದ ಸರದಿಯಲ್ಲಿ ಕೂಡಿಸುವುದು ಮೂರರಿಂದ ಐದನೆಯ ವರ್ಷದೊಳಗೆ. ಅಲ್ಲಿಯವರೆಗೂ ಅದರ ಸ್ವಂತ ಪ್ರಯತ್ನಕ್ಕೆ ಪ್ರತಿಫಲವಾಗಿ ಒಂದು ತಿರುಳೂ ಸಿಕ್ಕಿರುವುದಿಲ್ಲ. ಆದರೂ ಅದು ತಾಯಿಯ ಮಗ್ಗುಲಲ್ಲಿ ಮೂಗು ತಾಗುವಷ್ಟು ಹತ್ತಿರ ಕೂತು ನೋಡುವುದನ್ನು ಬಿಡುವುದಿಲ್ಲ. ತಾಯಿ ಕೈಹಿಡಿದು ತೋರಿಸುವುದಿಲ್ಲ, ತಪ್ಪಿದಾಗ ತಿದ್ದುವುದೂ ಇಲ್ಲ. ಆದರೆ ತಾನೊಡೆದ ತಿರುಳನ್ನು ಮರಿ ಕಸಿದುಕೊಂಡರೆ ಸಿಡುಕುವುದಿಲ್ಲ, ಕಲ್ಲಿಗೆ ಕೈ ಹಾಕಿದರೆ ದೂಡುವುದಿಲ್ಲ. ಬಡಗಿಯ ಪಕ್ಕ ಕೂತು ಉಳಿ ಹಿಡಿಯಲು ಕಲಿಯುವ ಹುಡುಗನಿಗೂ ಮೊದಲು ಸಿಗುವುದು ಇಂಥದೇ ಪಾಠ. ಮಾತಿಲ್ಲ, ಕೂರಲು ಜಾಗ ಇದೆ. ಕಲಿಯುವ ವಯಸ್ಸಿನಲ್ಲಿ ಕಲಿಯದೆ ಏಳು ವರ್ಷ ದಾಟಿದ ಪ್ರಾಣಿ ಆಮೇಲೆ ಕುಟ್ಟುವುದನ್ನು ರೂಢಿಸಿಕೊಂಡದ್ದು ಇಲ್ಲಿ ಕಂಡಿಲ್ಲ. ಅಂದರೆ ಈ ವಿದ್ಯೆಗೆ ಸಾಗಲು ಇರುವುದು ಕೆಲವೇ ವರ್ಷಗಳ ಕಿಂಡಿ. ಆ ಹೊತ್ತಿಗೆ ಪಕ್ಕದಲ್ಲಿ ಬಲ್ಲ ಹಿರಿಯರು ಕೂತಿರಬೇಕು.

ಇದಕ್ಕೆ ಬಲವಾದ ಆಕ್ಷೇಪವೊಂದಿದೆ. ಬೀಜವೂ ಕಲ್ಲೂ ಎದುರಿಗಿದ್ದರೆ ಯಾವ ಚಿಂಪಾಂಜಿಯಾದರೂ ತಾನಾಗಿ ಈ ಉಪಾಯ ಕಂಡುಕೊಳ್ಳುತ್ತದೆ, ಬೇರೆಯವರನ್ನು ನೋಡುವುದು ಬರೀ ಕುಮ್ಮಕ್ಕು ಕೊಡುತ್ತದೆ ಎಂದು ವಾದಿಸುವ ವಿಜ್ಞಾನಿಗಳಿದ್ದಾರೆ. ಹಗುರವಾಗಿ ತಳ್ಳಿಹಾಕುವ ಮಾತಲ್ಲ ಇದು. ಆದರೆ ಅದಕ್ಕೆ ಪರೀಕ್ಷೆ ನಡೆದದ್ದು ಬೊಸ್ಸುವಿನ ನೆರೆಯಲ್ಲೇ. ಅಲ್ಲಿಂದ ಸುಮಾರು ಆರು ಕಿಲೋಮೀಟರ್ ದೂರದಲ್ಲಿ, ನಿಂಬಾದ ಸೆರಿಂಗ್ಬಾರಾ ಕಾಡಿನಲ್ಲಿರುವ ಚಿಂಪಾಂಜಿಗಳು ಬೀಜ ಒಡೆಯುವುದಿಲ್ಲ. ಕ್ಯಾಥಲೈನ್ ಕೂಪ್ಸ್ ಮತ್ತು ಸಂಗಡಿಗರು ಆ ಕಾಡಿನಲ್ಲಿ ಎಣ್ಣೆತಾಳೆಯ ಬೀಜಗಳನ್ನೂ ಒಗ್ಗುವ ಕಲ್ಲುಗಳನ್ನೂ ಇಟ್ಟು ಕ್ಯಾಮೆರಾ ಕಟ್ಟಿದರು. ಆಮೇಲೆ ಹಣ್ಣಿನ ಸಮೇತ ಇಟ್ಟರು, ಕೌಲಾ ಎಂಬ ಇನ್ನೊಂದು ಬೀಜವನ್ನು ಇಡಿಯಾಗಿಯೂ ಇಟ್ಟರು, ಒಳಗೆ ತಿನ್ನುವಂಥದ್ದಿದೆ ಎಂದು ಕಾಣುವಂತೆ ಒಡೆದೂ ಇಟ್ಟರು. ಬಂದವು, ನೋಡಿದವು, ಕೆಲವು ಮುಟ್ಟಿದವು, ಒಂದೂ ಕುಟ್ಟಲಿಲ್ಲ. 2022ರಲ್ಲಿ ಇದರ ವರದಿ ಪ್ರಕಟವಾಯಿತು. ಇನ್ನೂ ಹತ್ತು ವರ್ಷ ಬಿಟ್ಟಿದ್ದರೆ ಯಾವುದೋ ಒಂದು ಕುಟ್ಟುತ್ತಿತ್ತೇನೋ ಎನ್ನಬಹುದು. ಇರಲಿ. ಎಲ್ಲೋ ಎಂದೋ ಒಂದು ಪ್ರಾಣಿ ಮೊದಲ ಬಾರಿಗೆ ಕಂಡುಕೊಂಡಿರಲೇಬೇಕಲ್ಲ. ಆದರೆ ಅಂಥ ಆವಿಷ್ಕಾರ ಅಪರೂಪ ಎಂದಾದರೆ, ಅದನ್ನು ತಲೆಮಾರುಗಳ ಉದ್ದಕ್ಕೆ ಹಿಡಿದಿಟ್ಟುಕೊಂಡದ್ದು ಗುಂಪು ಎಂಬ ವಾದಕ್ಕೆ ಬಲವೇ ಬರುತ್ತದೆ. 1993ರಲ್ಲಿ ಬೊಸ್ಸುವಿನಲ್ಲಿ ನಡೆದದ್ದು ಈ ಮಾತಿಗೆ ಪೂರಕ. ಅಲ್ಲಿ ಬೆಳೆಯದ ಕೌಲಾ ಬೀಜಗಳನ್ನು ಸಂಶೋಧಕರು ತಂದಿಟ್ಟಾಗ ಉಳಿದ ದೊಡ್ಡವು ಮೂಸಿ ಬಿಟ್ಟುಹೋದವು. ಯೋ ಎಂಬ ಹೆಣ್ಣು ಮಾತ್ರ ಸೀದಾ ಬಂದು ಅಡಿಗಲ್ಲಿನ ಮೇಲಿಟ್ಟು ಒಡೆದು ತಿಂದಿತು. ಕೌಲಾ ಸಿಗುವ ನೆರೆಗುಂಪಿನಲ್ಲಿ ಅದು ಎಳವೆಯಲ್ಲಿ ಒಡೆಯಲು ಕಲಿತು, ಆಮೇಲೆ ಇಲ್ಲಿಗೆ ಬಂದು ಸೇರಿರಬೇಕೆಂಬುದು ಸಂಶೋಧಕರ ಊಹೆ. ಚಿಂಪಾಂಜಿಗಳಲ್ಲಿ ತವರು ಬಿಟ್ಟು ಹೋಗುವವು ಹೆಣ್ಣುಗಳು. ಯೋ ಒಡೆಯುವುದನ್ನು ಸುತ್ತ ನಿಂತು ನೋಡಿದ್ದು ಎಳೆಯವು, ಒಡೆಯಲು ಕೈಹಚ್ಚಿದ್ದೂ ಎಳೆಯವೇ. ಅವು ಗಮನವಿಟ್ಟು ನೋಡುವುದು ತಮ್ಮ ವಯಸ್ಸಿನವರನ್ನು ಅಥವಾ ದೊಡ್ಡವರನ್ನು. ತಮಗಿಂತ ಚಿಕ್ಕದು ಕುಟ್ಟುತ್ತಿದ್ದರೆ ಅತ್ತ ತಿರುಗುವುದಿಲ್ಲ.

ಮನುಷ್ಯರ ಸಹವಾಸದಲ್ಲಿರುವ, ಸಂಶೋಧಕರು ತಂದಿಟ್ಟ ಬೀಜ ಕುಟ್ಟುವ ಪ್ರಾಣಿಗಳನ್ನು ಕಾಡು ಚಿಂಪಾಂಜಿ ಎನ್ನುವುದು ಹೇಗೆ ಎಂದೂ ಕೇಳುತ್ತಾರೆ. ಸಂಶೋಧಕರು ಹೀಗೆ ಬೀಜ ತಂದಿಟ್ಟು ನೋಡುವ, ಗ್ಬಾನ್ ಗುಡ್ಡದ ಮೇಲಿನ ಬಯಲು ಪ್ರಯೋಗಶಾಲೆ ಶುರುವಾದದ್ದು 1988ರಲ್ಲಿ. ಬೀಜ ಒಡೆಯುವುದು ಅದಕ್ಕೂ ಹಿಂದೆಯೇ ದಾಖಲಾಗಿತ್ತು. ಅಷ್ಟೇ ಅಲ್ಲ, ಊರಿನ ಪಕ್ಕ ಬದುಕುವುದನ್ನೇ ಅವು ಒಂದು ವಿದ್ಯೆ ಮಾಡಿಕೊಂಡಿವೆ. ಊರ ಪಕ್ಕದ ಅಗಲ ರಸ್ತೆ ದಾಟುವಾಗ ಗಂಡುಗಳು ಮುಂದೆ ಹೋಗಿ ನಿಲ್ಲುತ್ತವೆ, ಇನ್ನೊಂದು ಗಂಡು ಕೊನೆಯಲ್ಲಿ ಬರುತ್ತದೆ, ತಾಯಿ ಮರಿಗಳು ನಡುವೆ. ಕಿರುದಾರಿಯಲ್ಲಿ ಅಷ್ಟು ಕಟ್ಟುನಿಟ್ಟಿಲ್ಲ. ಹೊಲದಿಂದ ಕದ್ದ ಪಪ್ಪಾಯವನ್ನು ಗಂಡುಗಳು ಮರಿ ಹಡೆಯುವ ವಯಸ್ಸಿನ ಹೆಣ್ಣುಗಳೊಂದಿಗೆ ಹಂಚಿಕೊಳ್ಳುತ್ತವೆ, ಕಾಡಿನ ಹಣ್ಣನ್ನು ಹಾಗೆ ಹಂಚುವುದು ಅಪರೂಪ. ರಫಿಯಾ ತಾಳೆಯಿಂದ ಹೆಂಡ ಇಳಿಸಲು ಊರಿನವರು ಕಟ್ಟಿದ ಡಬ್ಬಿಗೆ ಎಲೆ ಮಡಚಿ ಅದ್ದಿ ಕುಡಿಯುತ್ತವೆ. ಎಣ್ಣೆತಾಳೆಯ ತುದಿಗೇರಿ, ಎಲೆಯ ಗಟ್ಟಿ ದಂಟನ್ನು ಒನಕೆಯಂತೆ ಎತ್ತಿ ಎತ್ತಿ ಕುಟ್ಟಿ, ಒಳಗಿನ ಮೆತ್ತನೆಯ ತಿರುಳನ್ನು ತೆಗೆದು ತಿನ್ನುತ್ತವೆ. ಇವೆಲ್ಲಕ್ಕಿಂತ ನನ್ನನ್ನು ಹಿಡಿದು ನಿಲ್ಲಿಸುವುದು ಉರುಳಿನ ಸಂಗತಿ. ಬೇರೆ ಪ್ರಾಣಿಗಳಿಗೆಂದು ಬೇಟೆಗಾರರು ಇಟ್ಟ ತಂತಿಯ ಉರುಳಿಗೆ ಸಿಕ್ಕಿ ಆಫ್ರಿಕಾದ ಹಲವು ಕಡೆ ಚಿಂಪಾಂಜಿಗಳು ಬೆರಳು, ಕೈ ಕಳೆದುಕೊಳ್ಳುತ್ತವೆ. ಬೊಸ್ಸುವಿನ ಗಂಡುಗಳು ತಂತಿಯನ್ನು ಮುಟ್ಟದೆ, ಅದನ್ನು ಬಿಗಿದ ಕೋಲನ್ನು ಹಿಡಿದು ಅಲ್ಲಾಡಿಸಿ ಉರುಳನ್ನು ಕೆಡಿಸಿದ್ದನ್ನು 2011ರ ವರದಿಯೊಂದು ವಿವರಿಸಿತು. ಅಪಾಯ ಕೋಲಿನಲ್ಲಿಲ್ಲ, ತಂತಿಯಲ್ಲಿದೆ ಎಂಬ ತಿಳಿವು ಅದು.

ಮರಿ ಸತ್ತಾಗ ಬೊಸ್ಸುವಿನ ತಾಯಂದಿರು ನಡೆದುಕೊಂಡ ರೀತಿಯ ಬಗ್ಗೆ ಮಾತ್ರ ಎಚ್ಚರದಿಂದ ಬರೆಯಬೇಕು. 1992ರಲ್ಲಿ ಜೀರೆ ಎಂಬ ತಾಯಿ ಸತ್ತ ಮರಿ ಜೊಕ್ರೊವನ್ನು 27 ದಿನ ಹೊತ್ತು ತಿರುಗಿತು. 2003ರ ಕೊನೆಯಲ್ಲಿ ಉಸಿರಾಟದ ರೋಗವೊಂದು ಗುಂಪಿನ ಐದನ್ನು ಬಲಿ ತೆಗೆದುಕೊಂಡಾಗ ಒಂದು ತಾಯಿ 19 ದಿನ, ಜೀರೆಯೇ ಮತ್ತೊಮ್ಮೆ 68 ದಿನ ಒಣಗಿದ ಮರಿಯನ್ನು ಬಿಡಲಿಲ್ಲ. ಬದುಕಿದ್ದಾಗ ಮಾಡುತ್ತಿದ್ದಂತೆ ಮೈ ಹೆಕ್ಕಿತು, ನೊಣ ಅಟ್ಟಿತು. ಇದನ್ನು ದುಃಖ ಎನ್ನಲು ನಮ್ಮ ನಾಲಿಗೆ ತುಡಿಯುತ್ತದೆ. ಮರಿ ಸತ್ತಿದೆಯೆಂದು ತಾಯಿಗೆ ತಿಳಿದಿತ್ತೋ ಇಲ್ಲವೋ ಹೊರಗಿನಿಂದ ಹೇಳಲಾಗದು. ಆದರೆ ಹೊತ್ತು ತಿರುಗುವ ತಾಯಿಯನ್ನು ಗುಂಪು ದೂರವಿಡಲಿಲ್ಲ, ಎಳೆಯವು ಅದನ್ನು ನೋಡುತ್ತಲೇ ಬೆಳೆದವು. ಅಷ್ಟನ್ನು ಖಚಿತವಾಗಿ ಹೇಳಬಹುದು.

ಆ ರೋಗದವರೆಗೂ ಗುಂಪಿನಲ್ಲಿ ಇಪ್ಪತ್ತರ ಆಸುಪಾಸು ಇದ್ದವು. ಆಮೇಲೆ ಏರಿಕೆ ಕಾಣಲಿಲ್ಲ. 2024ರ ಹೊತ್ತಿಗೆ ಉಳಿದದ್ದು ಏಳು. ಆಫ್ರಿಕಾದ ಬೇರೆ ಕಾಡುಗಳಲ್ಲಿ ಸಾವಿರಾರು ಚಿಂಪಾಂಜಿಗಳಿರುವಾಗ ಏಳರ ಬಗ್ಗೆ ಇಷ್ಟು ಚಿಂತೆ ಏಕೆ ಎಂಬ ಪ್ರಶ್ನೆ ನ್ಯಾಯವಾದದ್ದೇ. ಪಶ್ಚಿಮ ಆಫ್ರಿಕಾದ ಚಿಂಪಾಂಜಿ ತಳಿಯೇ 1990ರಿಂದ 2014ರೊಳಗೆ ಶೇ 80ರಷ್ಟು ಕುಸಿದಿದೆ ಎಂಬ ಅಂದಾಜು ಒಂದು ಉತ್ತರ. ಅದಕ್ಕಿಂತ ದೊಡ್ಡ ಉತ್ತರ ಇನ್ನೊಂದಿದೆ. 144 ಚಿಂಪಾಂಜಿ ಗುಂಪುಗಳ 31 ನಡವಳಿಕೆಗಳನ್ನು ಹೋಲಿಸಿದ 2019ರ ಅಧ್ಯಯನ, ಮನುಷ್ಯರ ಒತ್ತಡ ಅತಿಯಾಗಿರುವಲ್ಲಿ ನಡವಳಿಕೆಗಳ ವೈವಿಧ್ಯ ಶೇ 88ರಷ್ಟು ಕಡಿಮೆ ಎಂದು ಕಂಡಿತು. ತಲೆ ಎಣಿಸುವ ಲೆಕ್ಕ ಈ ನಷ್ಟವನ್ನು ಕಾಣುವುದಿಲ್ಲ. ಕಾಡಿನಲ್ಲಿ ಚಿಂಪಾಂಜಿ ಉಳಿದೂ ಅದರ ಕೈಯ ಕೆಲಸ ಅಳಿದಿರಬಹುದು. ಬೊಸ್ಸುವಿನ ಏಳನ್ನು ಬೇರೆ ಏಳರಿಂದ ತುಂಬಿಕೊಡಲಾಗದು, ಏಕೆಂದರೆ ಆ ಬೇರೆ ಏಳಕ್ಕೆ ಬೊಸ್ಸು ಗೊತ್ತಿರುವುದಿಲ್ಲ.

ಊರಿನವರ ಆಕ್ಷೇಪ ಎಲ್ಲಕ್ಕಿಂತ ಭಾರವಾದದ್ದು. 2024ರ ಸೆಪ್ಟೆಂಬರ್‌ನಲ್ಲಿ ಮರಗೆಣಸಿನ ಹೊಲದಲ್ಲಿ ಕೆಲಸ ಮಾಡುತ್ತಿದ್ದ ತಾಯಿಯ ಬಳಿಯಿಂದ ಎಂಟು ತಿಂಗಳ ಕೂಸನ್ನು ಚಿಂಪಾಂಜಿಯೊಂದು ಎಳೆದೊಯ್ದು ಕೊಂದಿತು. ರೊಚ್ಚಿಗೆದ್ದ ಜನ ಅಲ್ಲಿನ ಪರಿಸರ ಸಂಶೋಧನಾ ಸಂಸ್ಥೆಗೆ ನುಗ್ಗಿ ಉಪಕರಣ ಒಡೆದರು, ಕಾಗದಪತ್ರ ಸುಟ್ಟರು. ಆ ತಾಯಿಯ ಎದುರು ಕುಟ್ಟುಗಲ್ಲಿನ ವಿದ್ಯೆಯ ಮಾತೆತ್ತಲು ಯಾರಿಗೂ ಬಾಯಿ ಬಾರದು, ಬರಲೂಬಾರದು. ಆದರೆ ಆ ಸಿಟ್ಟಿನ ಹಿಂದಿರುವ ಲೆಕ್ಕವನ್ನು ಹೊರಗಿನವರು ಓದಬೇಕು. ಇಷ್ಟು ವರ್ಷ ಈ ಪ್ರಾಣಿಗಳನ್ನು ಸಾಕಿದ ಖರ್ಚು ಹೊತ್ತದ್ದು ಜಪಾನೂ ಅಲ್ಲ, ಯುನೆಸ್ಕೊವೂ ಅಲ್ಲ. ಪಪ್ಪಾಯ, ಬಾಳೆ ಕಳೆದುಕೊಂಡ, ಈಗ ಮಗುವನ್ನೂ ಕಳೆದುಕೊಂಡ ರೈತರು. ರಸ್ತೆಯನ್ನು, ಉರುಳನ್ನು ಓದಬಲ್ಲ ಪ್ರಾಣಿ ಮನುಷ್ಯರನ್ನೂ ಓದುತ್ತದೆ. ದಿನವೂ ಮೆತ್ತಗೆ ಹಿಂಬಾಲಿಸುವವರನ್ನು ಕಂಡೂ ಕಂಡೂ ಅದರ ಅಂಜಿಕೆ ಕರಗಿದರೆ ಅದರಲ್ಲಿ ನೋಡುವವರ ಪಾಲೂ ಇದೆ. ಬೆಳೆನಷ್ಟ ಕಟ್ಟಿಕೊಡುವುದು, ಹೊಲಕ್ಕೂ ಕಾಡಿಗೂ ನಡುವೆ ಅವು ತಿನ್ನದ ಬೆಳೆಯ ಅಂಚು ಬಿಡುವುದು, ಕಾವಲಿಗೆ ಜನ ಇಡುವುದು ಹಿರಿಯರ ಮೇಲಿನ ಭಕ್ತಿಯ ಹೆಸರಿನಲ್ಲಿ ಊರಿನವರು ಪುಕ್ಕಟೆಯಾಗಿ ಮಾಡಬೇಕಾದ ಸೇವೆಯಲ್ಲ.

ಬೊಸ್ಸು ಮತ್ತು ನಿಂಬಾದ ನಡುವಿನ ಸುಮಾರು ನಾಲ್ಕು ಕಿಲೋಮೀಟರ್ ಹುಲ್ಲುಗಾವಲಿನಲ್ಲಿ 1997ರಿಂದ ಸಸಿ ನೆಡುತ್ತಿದ್ದಾರೆ. ಬೇಸಿಗೆಯ ಕಾಡ್ಗಿಚ್ಚು ಸುಟ್ಟಷ್ಟು ಸಲ ಮತ್ತೆ ನೆಟ್ಟಿದ್ದಾರೆ. ಮರಗಳು ಕೂಡಿಕೊಂಡು ನೆರಳಾದರೆ ನಿಂಬಾದ ಯಾವುದಾದರೂ ಎಳೆಯ ಹೆಣ್ಣು ಆ ನೆರಳಿನಲ್ಲಿ ನಡೆದು ಬಂದೀತು ಎಂಬ ಆಸೆ. 1976ರಿಂದೀಚೆಗೆ ಹೊರಗಿನ ಹೆಣ್ಣು ಬಂದು ನೆಲೆಸಿದ ದಾಖಲೆ ಇಲ್ಲಿಲ್ಲ. ಹಾಗೆ ಬಂದರೂ ಸೆರಿಂಗ್ಬಾರಾದ ಆ ಹೆಣ್ಣಿಗೆ ಬೀಜ ಒಡೆಯಲು ಬರುವುದಿಲ್ಲ. ತವರು ಬಿಡುವ ವಯಸ್ಸಿಗೆ ಕಲಿಯುವ ವಯಸ್ಸು ಮುಗಿದಿರುತ್ತದೆ. ಕಲಿಯಬೇಕಾದದ್ದು ಅದರ ಮರಿ, ಹುಟ್ಟಿದ ಮೂರನೆಯದೋ ನಾಲ್ಕನೆಯದೋ ವರ್ಷದಲ್ಲಿ, ಬೇರೊಂದು ತಾಯಿಯ ಮಗ್ಗುಲಲ್ಲಿ ಕೂತು. ಆ ದಿನ ಗ್ಬಾನ್ ಗುಡ್ಡದ ಮೇಲೆ ಬೊಸ್ಸುವಿನ ಹಳೆಯ ಕೈಯೊಂದಾದರೂ ಕುಟ್ಟುತ್ತಿರಬೇಕು.