ಐದಾ ಪಾತ್ರಕ್ಕೆ ಒಲ್ಲೆನೆಂದ ಗಾಯಕಿ

ಪಾಶ್ಚಾತ್ಯರ ಒಪೆರಾ ಎಂಬ ಗೀತನಾಟಕವು ನಮ್ಮ ಕಂಪೆನಿ ನಾಟಕಗಳ ದೂರದ ನೆಂಟನೆಂದರೆ ತಪ್ಪಾಗಲಾರದು. ಆದರೆ ಅಲ್ಲಿ ಮಾತು ಬಲು ಕಡಿಮೆ. ಕಥೆಯೆಲ್ಲವೂ ಹಾಡಿನಲ್ಲಿಯೇ ಸಾಗಬೇಕು. ಧ್ವನಿವರ್ಧಕದ ನೆರವಿಲ್ಲದೆ, ದೊಡ್ಡ ವಾದ್ಯವೃಂದವನ್ನು ಮೀರಿ, ಮೂರು ಸಾವಿರಕ್ಕೂ ಹೆಚ್ಚು ಮಂದಿಗೆ ಕೇಳುವಂತೆ ಹಾಡಬೇಕು. ಸ್ತ್ರೀಕಂಠಗಳಲ್ಲಿ ಅತಿ ಎತ್ತರದ್ದನ್ನು ಸೊಪ್ರಾನೊ ಎನ್ನುತ್ತಾರೆ. ಅಂತಹ ಕಂಠದಿಂದ ಕೀರ್ತಿ ಪಡೆದ ಅಮೆರಿಕದ ಲಿಯಾಂಟಿನ್ ಪ್ರೈಸ್ ಅವರ ಚರಿತ್ರೆಯು ನಮ್ಮ ವಾಚಕರು ತಿಳಿಯತಕ್ಕದ್ದಾಗಿದೆ.

ಈಕೆ ಕರಿಯ ಜನಾಂಗದವರು. 1927ರಲ್ಲಿ ಮಿಸಿಸಿಪ್ಪಿ ಸಂಸ್ಥಾನದ ಲಾರೆಲ್ ಎಂಬ ಊರಿನಲ್ಲಿ ಜನಿಸಿದರು. ತಂದೆ ಮರದ ಕಾರ್ಖಾನೆಯ ಕೆಲಸಗಾರ, ತಾಯಿ ಸೂಲಗಿತ್ತಿ. ಮಗಳಿಗೆ ಪಿಯಾನೊ ಬೇಕೆಂದು ಮನೆಯಲ್ಲಿದ್ದ ಗ್ರಾಮಫೋನನ್ನೇ ಅದರ ಮುಂಗಡಕ್ಕೆ ಕೊಟ್ಟರಂತೆ! ಬಂಧುಗಳಲ್ಲಿ ಒಬ್ಬಾಕೆ ಚಿಷಮ್ ಎಂಬ ಬಿಳಿಯ ಶ್ರೀಮಂತರ ಮನೆಯಲ್ಲಿ ಬಟ್ಟೆ ಒಗೆಯುವ ಕೆಲಸದಲ್ಲಿದ್ದರು. ಆ ನಂಟಿನಿಂದ ಮನೆಯೊಡತಿಯ ಕಿವಿಗೆ ಈ ಬಾಲಿಕೆಯ ಹಾಡು ಬಿದ್ದಿತು. ನ್ಯೂಯಾರ್ಕಿನ ಜೂಲಿಯಾರ್ಡ್ ಸಂಗೀತಶಾಲೆಯ ವ್ಯಾಸಂಗಕ್ಕೆ ಆಕೆ ಹಣ ಒದಗಿಸಿದರು. ಪರರ ಮನೆಯಲ್ಲಿ ದುಡಿಯುವವರ ಮಕ್ಕಳಲ್ಲಿಯೂ ವಿದ್ಯೆಯಿದೆಯೆಂದು ಯಜಮಾನರಾದವರು ಕಂಡುಕೊಳ್ಳುವುದು ಅಪರೂಪ. ಇದನ್ನು ಹೋಟೆಲು ನಡೆಸಿದವನಾಗಿಯೇ ಹೇಳುತ್ತಿದ್ದೇನೆ.

1955ರಲ್ಲಿ ಟೆಲಿವಿಷನ್ನಿನಲ್ಲಿ ಟೊಸ್ಕಾ ಪಾತ್ರವನ್ನು ಹಾಡಿದಾಗ, ದಕ್ಷಿಣದ ಕೆಲವು ಕೇಂದ್ರಗಳು ಅದನ್ನು ಪ್ರಸಾರ ಮಾಡಲೊಪ್ಪಲಿಲ್ಲ. ಆದರೆ 1958ರಲ್ಲಿ ವಿಯೆನ್ನಾ ಮತ್ತು ಲಂಡನ್ ನಗರಗಳೂ, 1960ರಲ್ಲಿ ಮಿಲಾನಿನ ಲಾ ಸ್ಕಾಲಾ ರಂಗಮಂದಿರವೂ ವೆರ್ದಿ ರಚಿಸಿದ ಐದಾ ಪಾತ್ರದಲ್ಲಿ ಈಕೆಯನ್ನು ಆದರಿಸಿದವು.

ಐದಾ ಎಂಬವಳು ಈಜಿಪ್ಟಿನಲ್ಲಿ ದಾಸಿಯಾಗಿ ಸೆರೆಸಿಕ್ಕ ಇಥಿಯೋಪಿಯದ ರಾಜಕುಮಾರಿ. ನ್ಯೂಯಾರ್ಕಿನ ಪ್ರಸಿದ್ಧವಾದ ಮೆಟ್ರೊಪಾಲಿಟನ್ ರಂಗಮಂದಿರದವರೂ ಮೊದಲು ಕರೆದದ್ದು ಅದೇ ಪಾತ್ರಕ್ಕೆ. ಕರಿಯ ಗಾಯಕಿ ಅಲ್ಲಿ ಮೊದಲ ಬಾರಿಗೆ ದಾಸಿಯಾಗಿ ಕಾಣಿಸಿಕೊಳ್ಳಬಾರದೆಂದು ಹಿತೈಷಿಗಳು ಸಲಹೆಯಿತ್ತರು. ಪ್ರೈಸ್ ಒಲ್ಲೆನೆಂದರು. ದೊಡ್ಡ ಅಂಗಳದಿಂದ ಬಂದ ಕರೆಯನ್ನು ಹಿಂದಕ್ಕೆ ಕಳುಹಿಸುವುದಕ್ಕೆ ಎಷ್ಟು ಧೈರ್ಯ ಬೇಕು! ಮತ್ತೆ ಕರೆಯುವರೆಂಬ ಭರವಸೆ ಯಾರಿಗಿರುತ್ತದೆ?

ಕರೆ ಬಂದಿತು. 1961ರ ಜನವರಿ 27ರಂದು 'ಇಲ್ ತ್ರೊವತೋರೆ' ನಾಟಕದ ಕುಲೀನೆ ಲಿಯೊನೋರಾ ಆಗಿ ಅಲ್ಲಿ ರಂಗವೇರಿದರು. ಇಟಲಿಯ ಫ್ರಾಂಕೊ ಕೊರೆಲ್ಲಿಯವರಿಗೂ ಅಲ್ಲಿ ಅದೇ ಮೊದಲ ರಾತ್ರಿ. ಕೊನೆಯಲ್ಲಿ ಕರತಾಡನವು ಸುಮಾರು 40 ನಿಮಿಷ ನಿಲ್ಲಲಿಲ್ಲವೆಂದು ಹೇಳುತ್ತಾರೆ.

ಮುಂದಿನ ದಾರಿಯೂ ಹೂವಿನದಾಗಿರಲಿಲ್ಲ. ಅದೇ ವರ್ಷದ ಅಕ್ಟೋಬರಿನಲ್ಲಿ ಪುಚ್ಚೀನಿಯವರ ನಾಟಕವೊಂದರ ನಡುವೆ ಕಂಠ ಕೈಕೊಟ್ಟಿತು; ಸಾಲುಗಳನ್ನು ಮಾತಿನಲ್ಲಿ ಆಡಿ ಅಂಕವನ್ನು ಮುಗಿಸಬೇಕಾಯಿತು. ಕಡೆಯ ಅಂಕವನ್ನು ಬೇರೊಬ್ಬ ಗಾಯಕಿ ಹಾಡಿದರು. ಪ್ರೈಸ್ ಕೆಲಕಾಲ ವಿಶ್ರಾಂತಿ ಪಡೆದು ಮರಳಿದರು. 1966ರಲ್ಲಿ ಮೆಟ್ರೊಪಾಲಿಟನ್ನಿನ ಹೊಸ ಮಂದಿರದ ಪ್ರಾರಂಭದಂದು ಬಾರ್ಬರ್ ರಚಿಸಿದ ನಾಟಕದಲ್ಲಿ ಕ್ಲಿಯೋಪಾತ್ರಳಾದರು. ಯಂತ್ರಗಳ ಅವಾಂತರದಿಂದ ಅದು ಸೊರಗಿತು. ಬಳಿಕ ನಾಟಕಗಳನ್ನು ಕಡಿಮೆಮಾಡಿ ಕಛೇರಿಗಳಿಗೆ ಹೆಚ್ಚು ಒಲಿದರು. ಕಂಠವು ಬಹುಕಾಲ ಉಳಿದುದಕ್ಕೆ ಈ ಮಿತವೂ ಕಾರಣವೆಂದು ನನ್ನ ಎಣಿಕೆ.

1985ರ ಜನವರಿ 3ರಂದು ಅದೇ ರಂಗದಲ್ಲಿ ಒಪೆರಾಕ್ಕೆ ವಿದಾಯ ಹೇಳಿದರು. ಅಂದು ತಾವಾಗಿಯೇ ಐದಾ ಆಗಿ ನಿಂತಿದ್ದರು. ತಾಯ್ನಾಡನ್ನು ಇನ್ನು ಕಾಣೆನೆಂದು ಐದಾ ಹಂಬಲಿಸುವ ಹಾಡು ಮುಗಿದಾಗ ಸಭೆಯು ಹಲವು ನಿಮಿಷ ನಾಟಕವನ್ನು ಮುಂದೆ ಸಾಗಗೊಡಲಿಲ್ಲ.