ಬೀದರ್ ಸೀಮೆಯ ಲಿಂಗತ್ವ ಅಲ್ಪಸಂಖ್ಯಾತ ಹದಿಹರೆಯದವರು: ಕುಟುಂಬ, ಶಾಲೆ, ಆರೋಗ್ಯ

ಉತ್ತರ ಕರ್ನಾಟಕದ ಜಾನಪದ ಅಧ್ಯಯನಗಳಲ್ಲಿ ಜೋಗಪ್ಪ ಪರಂಪರೆಗೆ ಗಣನೀಯ ಸ್ಥಾನ ದೊರೆತಿದೆ. ಸವದತ್ತಿಯ ಎಲ್ಲಮ್ಮ, ಹುಲಿಗಿಯ ಹುಲಿಗೆಮ್ಮ ದೇವಿಯರ ಆರಾಧನೆ, ಚೌಡಿಕೆಯ ಪದ, ಕೊಡ ಹೊತ್ತು ಕುಣಿಯುವ ಜೋಗತಿ ನೃತ್ಯ ಇವೆಲ್ಲವೂ ಸಂಗ್ರಹಕ್ಕೂ ವಿಶ್ಲೇಷಣೆಗೂ ಒಳಗಾಗಿವೆ. ಆದರೆ ಇಂತಹ ಬರಹಗಳಲ್ಲಿ ನಮಗೆ ಎದುರಾಗುವವರು ಬಹುಮಟ್ಟಿಗೆ ವಯಸ್ಕ ಕಲಾವಿದರು. ಮುತ್ತು ಕಟ್ಟಿಸಿಕೊಳ್ಳುವ ಮುನ್ನ, ಹನ್ನೆರಡು ಹದಿನಾಲ್ಕರ ವಯಸ್ಸಿನಲ್ಲಿ, ಅದೇ ವ್ಯಕ್ತಿಯು ಮನೆಯಲ್ಲಿ, ಶಾಲೆಯಲ್ಲಿ ಏನನ್ನು ಅನುಭವಿಸಿರಬಹುದು ಎಂಬ ಪ್ರಶ್ನೆಯು ಅಧ್ಯಯನದ ಅಂಚಿನಲ್ಲಿಯೇ ಉಳಿದಿದೆ.

ಪ್ರಸ್ತುತ ಲೇಖನದಲ್ಲಿ ಬೀದರ್ ನಗರ, ಭಾಲ್ಕಿ ಹಾಗೂ ಔರಾದ್ ತಾಲೂಕುಗಳನ್ನು ದೃಷ್ಟಿಯಲ್ಲಿರಿಸಿಕೊಂಡು ಈ ಪ್ರಶ್ನೆಯನ್ನು ಪರಿಶೀಲಿಸಲಾಗಿದೆ. ಪ್ರದೇಶದ ಭಾಷಿಕ ಹಾಗೂ ಜನಪದ ಪರಂಪರೆ, ಪ್ರಕಟಿತ ಆತ್ಮಕಥನಗಳು, ಕಾನೂನು ದಾಖಲೆಗಳು ಈ ಮೂರನ್ನೂ ಎದುರುಬದುರಾಗಿಟ್ಟು ನೋಡಿದಾಗ ಒಂದು ಸಂಗತಿ ಸ್ಪಷ್ಟವಾಗುತ್ತದೆ. ಪರಂಪರೆಯು ತನ್ನದೇ ರೀತಿಯಲ್ಲಿ, ಕಾನೂನು ತನ್ನದೇ ರೀತಿಯಲ್ಲಿ, ಲಿಂಗತ್ವ ಅಲ್ಪಸಂಖ್ಯಾತ ವಯಸ್ಕರಿಗೆ ಸ್ಥಾನವೊಂದನ್ನು ಕಲ್ಪಿಸಿವೆ. ಹದಿಹರೆಯದ ಮಗುವಿಗೆ ಮಾತ್ರ ಈ ಎರಡರಲ್ಲಿಯೂ ನೆಲೆಯಿಲ್ಲ.

ಹೆಸರಿನ ಕೊರತೆ

ಬೀದರ್ ಜಿಲ್ಲೆಯು ತೆಲಂಗಾಣ ಮತ್ತು ಮಹಾರಾಷ್ಟ್ರಗಳ ಗಡಿಗೆ ಹೊಂದಿಕೊಂಡ ಬಹುಭಾಷಿಕ ಸೀಮೆ. ಕನ್ನಡ, ಮರಾಠಿ, ದಖನಿ ಉರ್ದು, ತೆಲುಗು, ತಾಂಡಾಗಳ ಲಂಬಾಣಿ ಇವೆಲ್ಲವೂ ಇಲ್ಲಿಯ ನಿತ್ಯದ ವ್ಯವಹಾರದಲ್ಲಿವೆ. ಔರಾದ್ ಭಾಗದಲ್ಲಿ ಮನೆಯಲ್ಲಿ ಒಂದು ಭಾಷೆ, ಶಾಲೆಯಲ್ಲಿ ಇನ್ನೊಂದು, ಸಂತೆಯಲ್ಲಿ ಮತ್ತೊಂದು ಬಳಸುವುದು ಸಾಮಾನ್ಯ.

ಈ ಭಾಷೆಗಳ ಶಬ್ದಭಂಡಾರವನ್ನು ಗಮನಿಸಬೇಕು. ಕನ್ನಡದಲ್ಲಿ ಜೋಗಪ್ಪ, ಮಂಗಳಮುಖಿ, ಮರಾಠಿಯಲ್ಲಿ ತೃತೀಯಪಂಥಿ, ಉರ್ದುವಿನಲ್ಲಿ ಖ್ವಾಜಾಸರಾ ಎಂಬ ಗೌರವಸೂಚಕ ಪದಗಳಿವೆ. ಇವುಗಳಲ್ಲಿ ಜೋಗಪ್ಪ ದೇವಿಯ ಸೇವೆಯನ್ನು ಸೂಚಿಸಿದರೆ, ಖ್ವಾಜಾಸರಾ ಮೂಲತಃ ಸುಲ್ತಾನರ ಅರಮನೆಯ ಹುದ್ದೆಯೊಂದರ ಹೆಸರು. ಅಂದರೆ ಗೌರವದ ಪದಗಳು ದೀಕ್ಷೆಗೆ, ವೃತ್ತಿಗೆ, ಸಮುದಾಯದ ಸದಸ್ಯತ್ವಕ್ಕೆ ಸಂಬಂಧಿಸಿದವು. ಎಲ್ಲವೂ ದೊಡ್ಡವರಿಗೆ ಮೀಸಲಾದವು. ಮಗುವಿನ ಪಾಲಿಗೆ ಉಳಿಯುವುದು ಹೆಣ್ಣಿಗ, ಗಂಡುಬೀರಿ ಎಂಬಂತಹ ಮೂದಲಿಕೆಯ ಮಾತುಗಳು. ಇಷ್ಟೊಂದು ಭಾಷೆಗಳ ನಡುವೆ ಬೆಳೆಯುವ ಮಗುವಿಗೆ ತನ್ನನ್ನು ಕುರಿತು ಅಳುಕಿಲ್ಲದೆ ಹೇಳಿಕೊಳ್ಳಲು ಒಂದು ಪದವೂ ಸಿಗುವುದಿಲ್ಲ. ಮನೆಯವರಿಗೆ, ಶಿಕ್ಷಕರಿಗೆ, ವೈದ್ಯರಿಗೆ ತನ್ನ ಸ್ಥಿತಿಯನ್ನು ತಿಳಿಸಲಾಗದೆ ಇರುವುದಕ್ಕೆ ಮೊದಲ ಕಾರಣ ಇದು.

ಕುಟುಂಬ: ಎರಡು ಮನೆಗಳ ನಡುವೆ

ಗಂಡಾಗಿ ಹುಟ್ಟಿದ ಮಗುವಿನಲ್ಲಿ ಹೆಣ್ಣಿನ ನಡೆ ಕಂಡಾಗ, ಅಥವಾ ತಲೆಯಲ್ಲಿ ಜಡೆ ಮೂಡಿದಾಗ, ಅದನ್ನು ದೇವಿಯ ಕರೆಯೆಂದು ಅರ್ಥೈಸುವ ಕ್ರಮ ಎಲ್ಲಮ್ಮನ ಆರಾಧನೆಯಿರುವ ಪ್ರದೇಶಗಳಲ್ಲಿದೆ. ಇದರಿಂದ ಕುಟುಂಬದ ಅವಮಾನವು ದೈವೇಚ್ಛೆಯಾಗಿ ಮಾರ್ಪಡುತ್ತದೆ. ಆದರೆ ಇದಕ್ಕೆ ತೆರಬೇಕಾದ ಬೆಲೆ ದೊಡ್ಡದು. ದೀಕ್ಷೆಯ ನಂತರ ಓದು ನಿಲ್ಲುತ್ತದೆ, ಅನೇಕ ವೇಳೆ ಮನೆಯೂ ತಪ್ಪುತ್ತದೆ. ಹೆಣ್ಣಾಗಿ ಹುಟ್ಟಿ ತನ್ನನ್ನು ಗಂಡೆಂದು ಭಾವಿಸುವ ಮಗುವಿಗಂತೂ ಪರಂಪರೆಯಲ್ಲಿ ಈ ಅವಕಾಶವೂ ಇಲ್ಲ. ಅಂತಹ ಮಗುವಿನ ಮುಂದೆ ಕುಟುಂಬವು ಇರಿಸುವ ಪರಿಹಾರ ಬೇಗನೆ ಮದುವೆ ಮಾಡುವುದೊಂದೇ.

ಮಂಜಮ್ಮ ಜೋಗತಿಯವರ ಬದುಕು ಇದಕ್ಕೆ ಸಾರ್ವಜನಿಕ ದಾಖಲೆಯಾಗಿ ಲಭ್ಯವಿದೆ. 2019ರಲ್ಲಿ ಕರ್ನಾಟಕ ಜಾನಪದ ಅಕಾಡೆಮಿಯ ಅಧ್ಯಕ್ಷರಾಗಿ, 2021ರಲ್ಲಿ ಪದ್ಮಶ್ರೀ ಪುರಸ್ಕೃತರಾಗಿ ಅವರು ನಾಡಿಗೆ ಪರಿಚಿತರು. ಆದರೆ ‘ನಡುವೆ ಸುಳಿವ ಹೆಣ್ಣು’ ಎಂಬ ಆತ್ಮಕಥನದ ತಿರುಳು ಇರುವುದು ಹದಿಹರೆಯದಲ್ಲಿ: ಹುಲಿಗಿಯಲ್ಲಿ ದೀಕ್ಷೆ, ಮನೆಯವರ ನಿರಾಕರಣೆ, ಆತ್ಮಹತ್ಯೆಯ ಯತ್ನ, ಭಿಕ್ಷಾಟನೆ, ಲೈಂಗಿಕ ದೌರ್ಜನ್ಯ. ಆ ಬಳಿಕ ಕಾಳವ್ವ ಜೋಗತಿಯವರ ತಂಡದಲ್ಲಿ ಕಲೆಯೂ ಆಸರೆಯೂ ದೊರೆತವು. ದು. ಸರಸ್ವತಿಯವರು ‘ಬದುಕು ಬಯಲು’ ಎಂಬ ಹೆಸರಿನಲ್ಲಿ ಕನ್ನಡಕ್ಕೆ ತಂದ ಎ. ರೇವತಿಯವರ ಆತ್ಮಕಥನದಲ್ಲಿಯೂ ಚಿಕ್ಕ ವಯಸ್ಸಿನಲ್ಲಿ ಮನೆ ತೊರೆದು ಗುರುಮನೆ ಸೇರುವ ಇದೇ ಚಲನೆಯಿದೆ. ಹುಟ್ಟಿದ ಮನೆ ಹೊರಹಾಕಿದವರನ್ನು ಗುರುವಿನ ಮನೆ ಒಳಗೆ ಕರೆದುಕೊಂಡಿದೆ. ಅಲ್ಲಿ ರಕ್ಷಣೆಯೂ ಇದೆ, ದುಡಿಮೆಯ ಕಟ್ಟುಪಾಡೂ ಇದೆ.

ಕಾನೂನು ಈ ಗುರುಮನೆಯನ್ನು ಹೇಗೆ ಕಂಡಿದೆ ಎಂಬುದು ಬೀದರ್ ಸೀಮೆಯ ಮಟ್ಟಿಗೆ ವಿಶೇಷ ಮಹತ್ವದ ವಿಷಯ. 1956ರ ರಾಜ್ಯ ಪುನರ್ವಿಂಗಡಣೆಯವರೆಗೆ ಬೀದರ್ ಹೈದರಾಬಾದ್ ರಾಜ್ಯದ ಭಾಗವಾಗಿತ್ತು. ನಿಜಾಮ ಸಂಸ್ಥಾನದಲ್ಲಿ ಫಸಲಿ 1329ರಲ್ಲಿ, ಅಂದರೆ 1919ರಲ್ಲಿ, ನಪುಂಸಕರ ನೋಂದಣಿ ಕುರಿತ ಕಾಯ್ದೆಯೊಂದು ಬಂದಿತು. ಬ್ರಿಟಿಷ್ ಭಾರತದ 1871ರ ಅಪರಾಧಿ ಬುಡಕಟ್ಟುಗಳ ಕಾಯ್ದೆಯನ್ನು ಅನುಸರಿಸಿದ ಈ ಕಾನೂನಿನಂತೆ, ಹೆಣ್ಣುಡುಗೆ ತೊಟ್ಟು ಸಾರ್ವಜನಿಕವಾಗಿ ಹಾಡುವುದು, ಕುಣಿಯುವುದು ಅಪರಾಧವಾಗಿತ್ತು. ನೋಂದಾಯಿತ ವ್ಯಕ್ತಿಯು 16 ವರ್ಷದೊಳಗಿನ ಹುಡುಗನನ್ನು ಮನೆಯಲ್ಲಿ ಇರಿಸಿಕೊಳ್ಳುವುದೂ ಶಿಕ್ಷಾರ್ಹವಾಗಿತ್ತು. ಜಾನಪದ ವಿದ್ವಾಂಸರು ಕಲೆಯೆಂದು ದಾಖಲಿಸುವುದನ್ನು ಈ ಕಾನೂನು ಅಪರಾಧವೆಂದು ದಾಖಲಿಸಿತು. ಮನೆಯಿಂದ ಹೊರಬಿದ್ದ ಹುಡುಗನಿಗಿದ್ದ ಒಂದೇ ಬಾಗಿಲನ್ನು ಮುಚ್ಚಿತು. ತೆಲಂಗಾಣ ಭಾಗದಲ್ಲಿ ಉಳಿದುಬಂದಿದ್ದ ಈ ಕಾಯ್ದೆಯನ್ನು ಅಲ್ಲಿಯ ಹೈಕೋರ್ಟು ಅಸಾಂವಿಧಾನಿಕವೆಂದು ಸಾರಿದ್ದು 2023ರಲ್ಲಿ. ಕರ್ನಾಟಕದಲ್ಲಿಯೂ 2011ರಲ್ಲಿ ಪೊಲೀಸ್ ಕಾಯ್ದೆಗೆ 36ಎ ಕಲಮನ್ನು ಸೇರಿಸಿ ಇಂತಹುದೇ ನೋಂದಣಿಗೆ ಅವಕಾಶ ಮಾಡಲಾಗಿತ್ತು; ಸಮುದಾಯದ ಹೋರಾಟದ ಫಲವಾಗಿ 2016ರಲ್ಲಿ ಅದರ ಪದಪ್ರಯೋಗ ಬದಲಾಯಿತು.

ಸುಪ್ರೀಂ ಕೋರ್ಟು 2014ರ ಏಪ್ರಿಲ್ 15ರ ನಾಲ್ಸಾ ತೀರ್ಪಿನಲ್ಲಿ ವ್ಯಕ್ತಿಯು ತನ್ನ ಲಿಂಗತ್ವವನ್ನು ತಾನೇ ನಿರ್ಧರಿಸಿಕೊಳ್ಳುವ ಹಕ್ಕನ್ನು ಎತ್ತಿಹಿಡಿಯಿತು. ಆದರೆ 2019ರಲ್ಲಿ ಅಂಗೀಕೃತವಾದ ರೂಪದಲ್ಲಿ ಕೇಂದ್ರದ ಹಕ್ಕು ರಕ್ಷಣಾ ಕಾಯ್ದೆಯು ಅಪ್ರಾಪ್ತ ವಯಸ್ಕರ ಗುರುತಿನ ಅರ್ಜಿಯನ್ನು ತಂದೆತಾಯಿ ಅಥವಾ ಪೋಷಕರೇ ಸಲ್ಲಿಸಬೇಕೆಂದಿತು. ನ್ಯಾಯಾಲಯದ ಆದೇಶವಿಲ್ಲದೆ ಮಗುವನ್ನು ಮನೆಯಿಂದ ಬೇರ್ಪಡಿಸಲಾಗದು, ಕುಟುಂಬ ಸಲಹಲಾರದಿದ್ದರೆ ಪುನರ್ವಸತಿ ಕೇಂದ್ರಕ್ಕೆ ಸೇರಿಸಬೇಕು ಎಂದೂ ಅದು ವಿಧಿಸಿತು. ಮಗುವಿನ ಮೊದಲ ವಿರೋಧಿ ಮನೆಯೇ ಆಗಿರುವಾಗ ಆ ಮನೆಯ ಸಹಿಯನ್ನೇ ಕೇಳುವ ವಿಪರ್ಯಾಸ ಇಲ್ಲಿದೆ. ಗುರುಮನೆಯನ್ನಂತೂ ಈ ಕಾಯ್ದೆಯು ಕುಟುಂಬವೆಂದು ಪರಿಗಣಿಸಲಿಲ್ಲ.

ಹಾಗೆಂದು ಕುಟುಂಬವನ್ನು ಸಂಪೂರ್ಣವಾಗಿ ಕಠೋರವೆಂದು ತೀರ್ಮಾನಿಸುವುದು ಸರಿಯಾಗದು. 2011ರ ಜನಗಣತಿಯಲ್ಲಿ ‘ಇತರೆ’ ಎಂದು ದಾಖಲಾದವರು ದೇಶದಲ್ಲಿ 4,87,803, ಕರ್ನಾಟಕದಲ್ಲಿ 20,266. ದೇಶದ ಸಂಖ್ಯೆಯಲ್ಲಿ 54,854 ಮಂದಿ ಆರು ವರ್ಷದೊಳಗಿನ ಮಕ್ಕಳು. ಗಣತಿದಾರರ ಮುಂದೆ ಈ ಮಕ್ಕಳ ಪರವಾಗಿ ಮಾತನಾಡಿದವರು ಮನೆಯ ಹಿರಿಯರೇ ಆಗಿರಬೇಕು. ಹದಿಹರೆಯದವರ ಸಂಖ್ಯೆ ಮಾತ್ರ ಆ ಕೋಷ್ಟಕದಲ್ಲಿ ಪ್ರತ್ಯೇಕವಾಗಿ ಇಲ್ಲ.

ಶಾಲೆ: ಎರಡೇ ಸಾಲುಗಳು

ಪ್ರೌಢಶಾಲೆಯ ವ್ಯವಸ್ಥೆಯು ಹೆಜ್ಜೆಹೆಜ್ಜೆಗೂ ಮಕ್ಕಳನ್ನು ಎರಡಾಗಿ ವಿಂಗಡಿಸುತ್ತದೆ. ಪ್ರಾರ್ಥನೆಯ ಸಾಲು, ಸಮವಸ್ತ್ರ, ಶೌಚಾಲಯ, ಆಟದ ತಂಡ, ಬಾಲಕ ಅಥವಾ ಬಾಲಕಿಯರ ವಸತಿನಿಲಯ ಎಲ್ಲವೂ ಎರಡೆರಡು. ವಿದ್ಯಾರ್ಥಿನಿಯರಿಗೆ ನ್ಯಾಪ್‌ಕಿನ್ ಒದಗಿಸುವ ಶುಚಿ ಯೋಜನೆಯಂತಹ ಉಪಯುಕ್ತ ಕಾರ್ಯಕ್ರಮವೂ ತನ್ನನ್ನು ಗಂಡೆಂದು ಭಾವಿಸುವ ಮಗುವಿಗೆ ಸಂಕಟದ ಗಳಿಗೆಯಾಗಬಹುದು. ಇಡೀ ದಿನ ಶೌಚಾಲಯಕ್ಕೆ ಹೋಗದೆ ತಡೆದುಕೊಳ್ಳುವುದು, ನೀರು ಕುಡಿಯದಿರುವುದು, ಕೊನೆಗೆ ಶಾಲೆಯನ್ನೇ ತಪ್ಪಿಸುವುದು ಇದರ ಪರಿಣಾಮ. ತಾಂಡಾಗಳಿಂದ, ದೂರದ ಹಳ್ಳಿಗಳಿಂದ ಬರುವ ಮಕ್ಕಳಿಗೆ ವಸತಿನಿಲಯವೇ ಓದಿಗೆ ಆಧಾರ. ಅಲ್ಲಿರುವುದು ಅಸಾಧ್ಯವಾದರೆ ಓದೂ ಮುಗಿದಂತೆಯೇ.

ಶಾಲೆ ತೊರೆಯುವುದರ ಪರಿಣಾಮ ದೀರ್ಘವಾದುದು. 2021ರಲ್ಲಿ ಕರ್ನಾಟಕ ಸರ್ಕಾರವು ನೇಮಕಾತಿ ನಿಯಮಗಳಿಗೆ ತಿದ್ದುಪಡಿ ತಂದು ಲಿಂಗತ್ವ ಅಲ್ಪಸಂಖ್ಯಾತರಿಗೆ ಶೇ. 1ರಷ್ಟು ಸಮತಲ ಮೀಸಲಾತಿ ಕಲ್ಪಿಸಿತು. ದೇಶದಲ್ಲಿ ಇದು ಮಹತ್ವದ ಹೆಜ್ಜೆ. ಆದರೆ ಎಸ್.ಎಸ್.ಎಲ್.ಸಿ. ಮುಗಿಸದವರಿಗೆ ಈ ಮೀಸಲಾತಿಯ ಬಹುಪಾಲು ಹುದ್ದೆಗಳು ನಿಲುಕಲಾರವು. 2021ರಲ್ಲಿಯೇ ಎನ್.ಸಿ.ಇ.ಆರ್.ಟಿ. ಸಂಸ್ಥೆಯು ಇಂತಹ ಮಕ್ಕಳನ್ನು ಶಾಲೆಯಲ್ಲಿ ಒಳಗೊಳ್ಳುವ ಬಗೆಗೆ ಶಿಕ್ಷಕರ ಕೈಪಿಡಿಯೊಂದನ್ನು ಪ್ರಕಟಿಸಿ, ಆಕ್ಷೇಪ ಬಂದ ಕೆಲವೇ ದಿನಗಳಲ್ಲಿ ತನ್ನ ಜಾಲತಾಣದಿಂದ ತೆಗೆದುಹಾಕಿತು. ಶಿಕ್ಷಕನ ಕೈಗೆ ಬರಬೇಕಾದ ಪುಸ್ತಕ ಹೀಗೆ ದಾರಿಯಲ್ಲಿಯೇ ನಿಂತಿತು.

ಈ ಸಂದರ್ಭದಲ್ಲಿ ಭಾಲ್ಕಿಯ ಇತಿಹಾಸದ ಒಂದು ಸಂಗತಿ ಸ್ಮರಣೀಯ. ನಿಜಾಮರ ಆಳ್ವಿಕೆಯಲ್ಲಿ ಭಾಲ್ಕಿ ಹಿರೇಮಠದ ಡಾ. ಚನ್ನಬಸವ ಪಟ್ಟದ್ದೇವರು ಹೊರಗೆ ಉರ್ದು ಫಲಕ ಹಾಕಿ ಒಳಗೆ ಕನ್ನಡ ಕಲಿಸಿದುದನ್ನು ಈ ಭಾಗದ ಜನ ಇಂದಿಗೂ ಹೆಮ್ಮೆಯಿಂದ ಹೇಳುತ್ತಾರೆ. ಹೊರಗೊಂದು ಹೆಸರು, ಒಳಗೊಂದು ಜೀವ ಎಂಬ ಸ್ಥಿತಿಯ ಕಷ್ಟವನ್ನು ಈ ನೆಲ ಚೆನ್ನಾಗಿ ಬಲ್ಲದು. ಹಾಜರಿ ಪುಸ್ತಕದಲ್ಲಿ ಒಂದು ಹೆಸರು, ಮನಸ್ಸಿನಲ್ಲಿ ಇನ್ನೊಂದು ಹೊತ್ತು ಕೂತ ವಿದ್ಯಾರ್ಥಿಯನ್ನು ಅರಿಯಲು ಇಲ್ಲಿಯ ಶಿಕ್ಷಕನಿಗೆ ಪರದೇಶದ ಸಿದ್ಧಾಂತವೇ ಬೇಕೆಂದಿಲ್ಲ.

ಆರೋಗ್ಯ: ದೂರ ಮತ್ತು ವಯಸ್ಸು

ಹದಿಹರೆಯವು ದೇಹ ಬದಲಾಗುವ ಕಾಲ. ಧ್ವನಿ ಒಡೆಯುವುದು, ಮೀಸೆ ಮೂಡುವುದು, ಮುಟ್ಟು ಆರಂಭವಾಗುವುದು ಇತರರಿಗೆ ಸಹಜವಾದರೆ ಈ ಮಕ್ಕಳಿಗೆ ತೀವ್ರ ಯಾತನೆ. ವಿಶ್ವ ಆರೋಗ್ಯ ಸಂಸ್ಥೆಯು 2022ರಿಂದ ಜಾರಿಗೆ ಬಂದ ತನ್ನ ರೋಗ ವರ್ಗೀಕರಣದಲ್ಲಿ ಈ ಸ್ಥಿತಿಯನ್ನು ಮಾನಸಿಕ ಕಾಯಿಲೆಗಳ ಪಟ್ಟಿಯಿಂದ ಹೊರತಂದಿದೆ. ಮದ್ರಾಸ್ ಹೈಕೋರ್ಟಿನ 2021ರ ಆದೇಶದ ಹಿನ್ನೆಲೆಯಲ್ಲಿ, ಲಿಂಗತ್ವವನ್ನು ಬದಲಾಯಿಸುವುದಾಗಿ ಹೇಳುವ ‘ಚಿಕಿತ್ಸೆ’ಯನ್ನು ರಾಷ್ಟ್ರೀಯ ವೈದ್ಯಕೀಯ ಆಯೋಗವು 2022ರಲ್ಲಿ ವೃತ್ತಿ ದುರ್ನಡತೆಯೆಂದು ಘೋಷಿಸಿತು. ಆದರೆ ಈ ಅರಿವು ತಾಲೂಕು ಮಟ್ಟಕ್ಕೆ ಇಳಿಯದಿದ್ದರೆ ತಾಯತ, ಹರಕೆ, ಹೊಡೆತಗಳೇ ಮದ್ದಾಗುತ್ತವೆ.

ತಿಳಿವಳಿಕೆಯುಳ್ಳ ವೈದ್ಯರನ್ನು ಹುಡುಕಿ ಹೋಗಬೇಕಾದರೆ ಬೆಂಗಳೂರು ಸುಮಾರು 700 ಕಿಲೋಮೀಟರ್. ಹೈದರಾಬಾದ್ ಸುಮಾರು 150. ಹೈದರಾಬಾದಿನಲ್ಲಿ ಅಮೆರಿಕದ ನೆರವಿನಿಂದ 2021ರಲ್ಲಿ ಆರಂಭವಾದ ಮಿತ್ರ್ ಚಿಕಿತ್ಸಾಲಯವು ನೆರವು ಸ್ಥಗಿತಗೊಂಡ ಕಾರಣ 2025ರ ಜನವರಿಯಲ್ಲಿ ಬಾಗಿಲು ಮುಚ್ಚಿತು. ದೂರದ ನೆರವನ್ನೇ ನಂಬಿದ ವ್ಯವಸ್ಥೆಯ ಅಸ್ಥಿರತೆಗೆ ಇದು ನಿದರ್ಶನ. ಸಲಹೆ ದೊರೆಯದಿದ್ದಾಗ ವೈದ್ಯರ ಚೀಟಿಯಿಲ್ಲದೆ ಗರ್ಭನಿರೋಧಕ ಮಾತ್ರೆಗಳನ್ನು ಹಾರ್ಮೋನಿನ ಬದಲಿಯಾಗಿ ನುಂಗುವ ಅಪಾಯಕಾರಿ ರೂಢಿಯಿದೆ. ಇದರಿಂದ ರಕ್ತ ಹೆಪ್ಪುಗಟ್ಟುವ ಸಂಭವವುಂಟು.

ಹದಿಹರೆಯದವರಿಗೆ ತಕ್ಷಣ ಬೇಕಾದುದು ಶಸ್ತ್ರಚಿಕಿತ್ಸೆಯಲ್ಲ. ನಂಬಿಕೆಯಿಂದ ಕೇಳುವ ಕಿವಿ, ಸರಿಯಾದ ಮಾಹಿತಿ, ಗುಟ್ಟಿನ ರಕ್ಷಣೆ. ಇದಕ್ಕೆ ಹೊಸ ಕಟ್ಟಡದ ಅಗತ್ಯವಿಲ್ಲ. 2014ರಲ್ಲಿ ಆರಂಭವಾದ ರಾಷ್ಟ್ರೀಯ ಕಿಶೋರ ಸ್ವಾಸ್ಥ್ಯ ಕಾರ್ಯಕ್ರಮವು 10ರಿಂದ 19 ವರ್ಷದವರಿಗಾಗಿ ರೂಪಿತವಾದುದು. ಅದರ ಆಪ್ತಸಮಾಲೋಚನಾ ಕೇಂದ್ರಗಳು ನಮ್ಮ ರಾಜ್ಯದಲ್ಲಿ ಸ್ನೇಹಾ ಕ್ಲಿನಿಕ್ ಎಂದು ಪರಿಚಿತ. ಮಾನಸಿಕ ನೆರವಿಗೆ ಟೆಲಿ ಮನಸ್ 14416, ಮಕ್ಕಳ ಸಹಾಯವಾಣಿ 1098 ಇವೆ. 2012ರ ಪೋಕ್ಸೋ ಕಾಯ್ದೆಯು ಲಿಂಗಭೇದವಿಲ್ಲದೆ 18 ವರ್ಷದೊಳಗಿನ ಎಲ್ಲ ಮಕ್ಕಳಿಗೂ ಅನ್ವಯಿಸುತ್ತದೆ. ಇರುವ ಈ ಬಾಗಿಲುಗಳು ಈ ಮಕ್ಕಳಿಗೂ ತೆರೆದಿವೆಯೆಂದು ಬಾಯಿಬಿಟ್ಟು ಹೇಳುವವರು ಬೇಕಾಗಿದ್ದಾರೆ.

ಸಮಾರೋಪ

ಮೇಲಿನ ವಿವೇಚನೆಯಿಂದ ತಿಳಿದುಬರುವಂತೆ, ಪರಂಪರೆಯು ಮಗುವನ್ನು ದೇವಿಗೆ ಒಪ್ಪಿಸಿ ಸ್ಥಾನ ನೀಡಿತು. ಕಾನೂನು ಪೋಷಕರ ಸಹಿಯನ್ನು ಅಥವಾ ಹದಿನೆಂಟು ತುಂಬುವುದನ್ನು ಕಾಯಿತು. ಮಗುವಾಗಿಯೇ, ಮನೆಯಲ್ಲಿಯೇ, ಶಾಲೆಯಲ್ಲಿಯೇ ಉಳಿಯುವ ಅವಕಾಶವನ್ನು ಎರಡೂ ಒದಗಿಸಿಲ್ಲ. ಜಾನಪದ ಸಂಶೋಧಕರು ಇಲ್ಲಿ ಮಾಡಬಹುದಾದ ಕೆಲಸಗಳು ಎರಡು. ಮೊದಲನೆಯದು, ಹಿರಿಯ ಜೋಗಪ್ಪ ಹಾಗೂ ಮಂಗಳಮುಖಿಯರ ಬಾಲ್ಯದ ನಿರೂಪಣೆಗಳನ್ನು ಅವರ ಒಪ್ಪಿಗೆಯೊಂದಿಗೆ ಸಂಗ್ರಹಿಸುವುದು. ಹೆಸರು ಬಹಿರಂಗವಾದರೆ ಅಪಾಯಕ್ಕೊಳಗಾಗುವ ಮಕ್ಕಳನ್ನೇ ಸಂದರ್ಶಿಸುವುದಕ್ಕಿಂತ ಈ ಮಾರ್ಗ ಸೂಕ್ತ. ಎರಡನೆಯದು, ಗಡಿಸೀಮೆಯ ಭಾಷೆಗಳಲ್ಲಿ ಮಗುವನ್ನು ನೋಯಿಸದ ಪದಗಳನ್ನು ಹುಡುಕಿ ಶಿಕ್ಷಕರಿಗೂ ಆರೋಗ್ಯ ಕಾರ್ಯಕರ್ತರಿಗೂ ತಲುಪಿಸುವುದು. ಔರಾದಿನ ಹಳ್ಳಿಯೊಂದರ ತಾಯಿಗೆ ತನ್ನ ಮಗುವಿನ ಬಗ್ಗೆ ನೆರೆಮನೆಯವರ ಮುಂದೆ ತಲೆತಗ್ಗಿಸದೆ ಹೇಳಲು ಒಂದು ಮಾತು ದೊರೆತರೆ, ಆ ಮಗು ಮನೆಯಲ್ಲಿ ಉಳಿಯುವ ಸಾಧ್ಯತೆ ಹೆಚ್ಚುತ್ತದೆ.