ಗೇಮ್‌ಗೆ ಮಾಡ್ ಹಾಕಿದರೆ ಬ್ಯಾಂಕ್ ಖಾತೆ ಖಾಲಿ ಆಗುತ್ತದೆಯೇ?

"ಮಕ್ಕಳ ಗೇಮ್‌ಗೆ ಮಾಡ್ ಹಾಕಿಸಬೇಡಿ, ಮಾಡ್ ಹಾಕಿದ ಕೂಡಲೇ ಫೋನ್ ಹ್ಯಾಕ್ ಆಗಿ ಖಾತೆಯ ಹಣ ಹೋಗುತ್ತದೆ" ಎನ್ನುವ ಸಂದೇಶ ಒಂದು ಗುಂಪಿನಲ್ಲಿ. "ಈ ಮಾಡ್ ಹಾಕಿ, ಎರಡು ನಿಮಿಷದಲ್ಲಿ ಅನ್‌ಲಿಮಿಟೆಡ್ ಯುಸಿ ಪಡೆಯಿರಿ" ಎನ್ನುವ ಸಂದೇಶ ಇನ್ನೊಂದು ಗುಂಪಿನಲ್ಲಿ. ಮೊದಲನೆಯದನ್ನು ಅಪ್ಪ ಫಾರ್ವರ್ಡ್ ಮಾಡುತ್ತಾರೆ, ಎರಡನೆಯದನ್ನು ಮಗ. ಮೊದಲನೆಯದು ಅರ್ಧ ನಿಜ. ಎರಡನೆಯದು ಪೂರ್ತಿ ಸುಳ್ಳು. ಹಾಗೆಂದು ಮಾಡ್ ಎಂಬುದೇ ಕೆಟ್ಟದ್ದೇನೂ ಅಲ್ಲ.

ಒಂದು ಉದಾಹರಣೆಯಿಂದ ಶುರು ಮಾಡೋಣ. ಯಾದಗಿರಿ ಜಿಲ್ಲೆಯ ನಾರಾಯಣಪುರದಲ್ಲಿ, ಬಸವಸಾಗರ ಅಣೆಕಟ್ಟಿನ ಊರಿನಲ್ಲಿ, ಒಬ್ಬ ಹುಡುಗ ಫೋನಿನಲ್ಲಿ ಬಸ್ ಓಡಿಸುತ್ತಿದ್ದಾನೆ ಅಂದುಕೊಳ್ಳಿ. ಬಸ್ಸು ನಮ್ಮ ಸಾರಿಗೆ ಸಂಸ್ಥೆಯದೇ, ಮುಂದಿನ ಬೋರ್ಡಿನಲ್ಲಿ "ನಾರಾಯಣಪುರ – ಹುಣಸಗಿ – ಸುರಪುರ" ಎಂದು ಕನ್ನಡದಲ್ಲೇ ಬರೆದಿದೆ. ಆದರೆ ಓಡುತ್ತಿರುವುದು ಇಂಡೋನೇಷ್ಯಾದ ರಸ್ತೆಯಲ್ಲಿ. ಗೇಮಿನ ಹೆಸರು 'ಬಸ್ ಸಿಮ್ಯುಲೇಟರ್ ಇಂಡೋನೇಷ್ಯಾ'. ಅಲ್ಲಿನ ಮಲಿಯೊ ಎಂಬ ಕಂಪನಿ 2017ರಲ್ಲಿ ಹೊರತಂದದ್ದು. ಕರ್ನಾಟಕ, ಕೇರಳ, ತಮಿಳುನಾಡಿನ ಬಸ್ ಪ್ರೇಮಿಗಳು ಇದಕ್ಕೆ ಮುಗಿಬೀಳಲು ಎರಡು ಕಾರಣ. ಇಂಡೋನೇಷ್ಯಾದಲ್ಲೂ ನಮ್ಮಂತೆ ಎಡಬದಿಯಲ್ಲೇ ವಾಹನ ಓಡುತ್ತವೆ, ಸ್ಟೀರಿಂಗ್ ಬಲಗಡೆಗೇ ಇರುತ್ತದೆ. ಎರಡನೆಯದು, ನಿಮ್ಮ ಬಸ್ಸನ್ನು ನೀವೇ ತಂದು ಹಾಕಿಕೊಳ್ಳಲು ಗೇಮ್ ಮಾಡಿದವರೇ ಬಾಗಿಲು ತೆರೆದಿಟ್ಟಿದ್ದಾರೆ. ಹೀಗಾಗಿ ಕರ್ನಾಟಕ ಸಾರಿಗೆಯ ಕೆಂಪು ಬಸ್ಸು, ರಾಜಹಂಸ, ಐರಾವತ ಎಲ್ಲವನ್ನೂ ನಮ್ಮ ಹುಡುಗರು ತಾವೇ ತಯಾರಿಸಿ ಹಂಚಿಕೊಳ್ಳುತ್ತಾರೆ. ಹಾರ್ನ್ ಕೂಡ ಬಿಟ್ಟಿಲ್ಲ.

ಮಾಡ್ ಅಂದರೆ ಇದೇ. ಕನ್ನಡದ 'ಮಾಡು' ಅಲ್ಲ, ಮಾಡಿಫಿಕೇಶನ್ ಎಂಬ ಪದದ ಮೊಟಕು. ಕಂಪನಿ ಕೊಟ್ಟ ಗೇಮ್‌ಗೆ ಆಡುವವರು ಮಾಡಿಕೊಳ್ಳುವ ಬದಲಾವಣೆ. ಇದಕ್ಕೆ ಗೌರವದ ಇತಿಹಾಸವೂ ಇದೆ. 'ಕೌಂಟರ್ ಸ್ಟ್ರೈಕ್' 1999ರಲ್ಲಿ ಹುಟ್ಟಿದ್ದು 'ಹಾಫ್ ಲೈಫ್' ಎಂಬ ಗೇಮ್‌ನ ಮಾಡ್ ಆಗಿ. ಪಬ್‌ಜಿ ರೂಪಿಸಿದ ಬ್ರೆಂಡನ್ ಗ್ರೀನ್ ಕೂಡ ಮೊದಲು 'ಆರ್ಮಾ 2' ಎಂಬ ಗೇಮ್‌ಗೆ ಮಾಡ್ ಮಾಡುತ್ತಿದ್ದವರೇ. ನಮ್ಮ ಹುಡುಗರು ಆಡುವ ಬಿಜಿಎಂಐನ ಮೂಲ ಹುಡುಕುತ್ತ ಹೋದರೆ ಒಂದು ಮಾಡ್ ಸಿಗುತ್ತದೆ.

ಹಾಗಾದರೆ ಹಣ ಹೋಗುವ ಮಾತು ಎಲ್ಲಿಂದ ಬಂತು? 'ಮಾಡ್' ಎಂಬ ಒಂದೇ ಹೆಸರಿನಲ್ಲಿ ಎರಡು ಬೇರೆ ಬೇರೆ ವಸ್ತುಗಳು ಓಡಾಡುತ್ತಿವೆ. ಗೊಂದಲವೆಲ್ಲ ಅಲ್ಲಿಯದು.

ಸಾಮಾನು ಬೇರೆ, ಕೆಲಸದವನು ಬೇರೆ

ಮನೆಗೆ ಹೊಸ ಕುರ್ಚಿ ತರುವುದು ಒಂದು. ಗುರುತಿಲ್ಲದ ಕೆಲಸದವನನ್ನು ಮನೆಯೊಳಗೆ ಇಟ್ಟುಕೊಂಡು ಬೀಗದ ಕೈ ಕೊಡುವುದು ಇನ್ನೊಂದು. ಕುರ್ಚಿ ತಾನಾಗಿ ಎದ್ದು ಬೀರು ತೆಗೆಯುವುದಿಲ್ಲ.

ಬಸ್ ಗೇಮಿಗೆ ಹಾಕುವ ಬಣ್ಣ-ಬರಹದ ವಿನ್ಯಾಸಕ್ಕೆ ಲಿವರಿ ಅನ್ನುತ್ತಾರೆ. ಅದು ಬರೀ ಚಿತ್ರ, ಪಿಎನ್‌ಜಿ ಕಡತ. ಬಸ್ಸಿನ ಆಕಾರದ ಕಡತವೂ ಅಷ್ಟೇ, ಗೇಮ್ ಅದನ್ನು ಓದಿ ಪರದೆಯ ಮೇಲೆ ಬಸ್ಸು ಬಿಡಿಸುತ್ತದೆ. ಅದನ್ನು ಫೋನಿನಲ್ಲಿ 'ಇನ್‌ಸ್ಟಾಲ್' ಮಾಡುವುದೇ ಇಲ್ಲ. ಗೇಮ್‌ನ ಮಾಡ್ಸ್ ಫೋಲ್ಡರ್‌ಗೆ ಹಾಕುತ್ತೇವೆ, ಅಥವಾ ಗೇಮ್‌ನ ಒಳಗಿಂದಲೇ ಆರಿಸಿಕೊಳ್ಳುತ್ತೇವೆ. ಕಡತ ಕೆಟ್ಟಿದ್ದರೆ ಗೇಮ್ ಮಧ್ಯದಲ್ಲೇ ನಿಂತುಹೋಗಬಹುದು, ಬಸ್ಸಿಗೆ ಚಕ್ರವೇ ಕಾಣದಿರಬಹುದು. ಆ ಕಡತ ಅಳಿಸಿದರೆ ಮುಗಿಯಿತು. ಕಂಪ್ಯೂಟರ್‌ನ 'ಯೂರೋ ಟ್ರಕ್ ಸಿಮ್ಯುಲೇಟರ್ 2'ರಲ್ಲೂ ಹೀಗೇ, ಡಾಕ್ಯುಮೆಂಟ್ಸ್ ಒಳಗಿನ ಮಾಡ್ ಫೋಲ್ಡರ್‌ನಲ್ಲಿ ಕಡತ ಇಟ್ಟು, ಗೇಮ್‌ನ ಮಾಡ್ ಮ್ಯಾನೇಜರ್‌ನಲ್ಲಿ ಚಾಲೂ ಮಾಡಿಕೊಳ್ಳುವುದು.

ಇನ್ನೊಂದು ಬಗೆ 'ಮಾಡ್ ಎಪಿಕೆ'. ಇದು ಗೇಮ್‌ಗೆ ಸೇರಿಸುವ ಸಾಮಾನಲ್ಲ, ಗೇಮನ್ನೇ ಯಾರೋ ಬಿಚ್ಚಿ, ತಮಗೆ ಬೇಕಾದ್ದನ್ನು ತುಂಬಿ, ಮತ್ತೆ ಹೊಲಿದು ಕೊಟ್ಟದ್ದು. ಹೊಲಿಯುವಾಗ ಒಳಗೆ ಏನಿಟ್ಟಿದ್ದಾರೆಂದು ಹೊರಗಿನಿಂದ ಕಾಣುವುದಿಲ್ಲ. ಆಡಿದರೆ ಗೇಮ್ ಚೆನ್ನಾಗಿಯೇ ನಡೆಯುತ್ತದೆ, ಅನುಮಾನವೂ ಬರುವುದಿಲ್ಲ. 2024ರ ಸೆಪ್ಟೆಂಬರ್‌ನಲ್ಲಿ ಕ್ಯಾಸ್ಪರ್‌ಸ್ಕಿ ಎಂಬ ಭದ್ರತಾ ಸಂಸ್ಥೆ 'ನೆಕ್ರೊ' ಎಂಬ ಕಳ್ಳ ತಂತ್ರಾಂಶದ ಬಗ್ಗೆ ವರದಿ ಕೊಟ್ಟಿತು. ಅದು ಸಿಕ್ಕಿದ ಜಾಗಗಳಲ್ಲಿ ಸ್ಪಾಟಿಫೈ, ವಾಟ್ಸಾಪ್, ಮೈನ್‌ಕ್ರಾಫ್ಟ್‌ಗಳ ಮಾಡ್ ಎಪಿಕೆಗಳೂ ಇದ್ದವು. ಪ್ಲೇ ಸ್ಟೋರ್‌ನಲ್ಲಿದ್ದ ಎರಡು ಆ್ಯಪ್‌ಗಳಲ್ಲೂ ಸಿಕ್ಕಿತ್ತು ಎಂಬುದನ್ನೂ ಹೇಳಬೇಕು. ಪ್ಲೇ ಸ್ಟೋರ್ ಅಂದರೆ ನೂರಕ್ಕೆ ನೂರು ಖಾತ್ರಿ ಅಲ್ಲ. ಆದರೆ ಅಲ್ಲಿ ಕಳ್ಳ ಸಿಕ್ಕಿಬಿದ್ದರೆ ಹೊರಹಾಕುವವರು ಇದ್ದಾರೆ, ವಾಟ್ಸಾಪ್ ಗುಂಪಿನಲ್ಲಿ ಬಂದ ಎಪಿಕೆಗೆ ಅಂಥವರು ಯಾರೂ ಇಲ್ಲ.

"ಮೊದಲು ಹಳೆಯದನ್ನು ಅನ್‌ಇನ್‌ಸ್ಟಾಲ್ ಮಾಡಿ" ಎಂದು ಏಕೆ ಹೇಳುತ್ತಾರೆ?

ಮಾಡ್ ಎಪಿಕೆ ಜೊತೆ ಬರುವ ಸೂಚನೆಗಳಲ್ಲಿ ಈ ಸಾಲು ಹೆಚ್ಚಾಗಿ ಇರುತ್ತದೆ. ಕಾರಣ ತಿಳಿದರೆ ಮುಕ್ಕಾಲು ಪಾಲು ಅರ್ಥವಾದಂತೆ.

ಆಂಡ್ರಾಯ್ಡ್‌ನ ಪ್ರತಿಯೊಂದು ಆ್ಯಪ್‌ಗೂ ಅದನ್ನು ಮಾಡಿದ ಕಂಪನಿಯ ಡಿಜಿಟಲ್ ಸಹಿ ಇರುತ್ತದೆ. ಹಿಂದೆ ವಿಮೆ ಮಾಡಿದ ಅಂಚೆ ಪಾರ್ಸೆಲ್‌ಗೆ ಅರಗಿನ ಮುದ್ರೆ ಒತ್ತುತ್ತಿದ್ದರಲ್ಲ, ಹಾಗೆ. ಆ್ಯಪ್ ಅಪ್‌ಡೇಟ್ ಬಂದಾಗ ಫೋನು ಹಳೆಯ ಸಹಿಯನ್ನೂ ಹೊಸ ಸಹಿಯನ್ನೂ ಹೋಲಿಸಿ ನೋಡುತ್ತದೆ, ಒಂದೇ ಆಗಿದ್ದರೆ ಮಾತ್ರ ಒಳಗೆ ಬಿಡುತ್ತದೆ. ಪಾರ್ಸೆಲ್ ಬಿಚ್ಚಿ ಮತ್ತೆ ಹೊಲಿದವನ ಹತ್ತಿರ ಕಂಪನಿಯ ಮುದ್ರೆ ಇರುವುದಿಲ್ಲ, ತನ್ನದೇ ಮುದ್ರೆ ಒತ್ತಿರುತ್ತಾನೆ. ಫೋನು ಅದನ್ನು ಒಪ್ಪುವುದಿಲ್ಲ. ಅದಕ್ಕೇ ಹಳೆಯದನ್ನು ತೆಗೆಯಿರಿ ಅನ್ನುವುದು. ಹೋಲಿಸಲು ಹಳೆಯ ಸಹಿಯೇ ಇಲ್ಲದಿದ್ದರೆ ಫೋನಿಗೆ ಯಾವ ತಕರಾರೂ ಇರುವುದಿಲ್ಲ. ಕೆಲವು ಎಪಿಕೆಗಳು ಒಳಗಿನ ಹೆಸರು ಬದಲಿಸಿಕೊಂಡು ಅಸಲಿ ಗೇಮ್‌ನ ಪಕ್ಕದಲ್ಲೇ ಬಂದು ಕೂರುವುದೂ ಉಂಟು.

ಅದರ ಮುಂದಿನ ಸೂಚನೆ ಇನ್ನೂ ಸ್ಪಷ್ಟ: "ಪ್ಲೇ ಪ್ರೊಟೆಕ್ಟ್ ಆಫ್ ಮಾಡಿ." ಕಂಪ್ಯೂಟರ್ ಆದರೆ "ಆಂಟಿವೈರಸ್ ಬಂದ್ ಮಾಡಿ, ಅದು ಸುಮ್ಮನೆ ಎಚ್ಚರಿಕೆ ಕೊಡುತ್ತದೆ." ಹೊರಗಿನಿಂದ ತಂದ ಆ್ಯಪ್ ಎಸ್‌ಎಂಎಸ್ ಓದಲು, ನೋಟಿಫಿಕೇಶನ್ ನೋಡಲು, ಆಕ್ಸೆಸಿಬಿಲಿಟಿ ಬಳಸಲು ಅನುಮತಿ ಕೇಳುವಂಥದ್ದಾದರೆ ಅದನ್ನು ತಡೆಯುವ ವ್ಯವಸ್ಥೆಯನ್ನು ಗೂಗಲ್ 2024ರಲ್ಲಿ ಭಾರತಕ್ಕೂ ತರುವುದಾಗಿ ಘೋಷಿಸಿತು. ಆ ಕಾವಲುಗಾರನನ್ನೇ ಮನೆಗೆ ಕಳಿಸಿ ಎನ್ನುತ್ತಾನೆ ನಿಮಗೆ ಲಿಂಕ್ ಕೊಟ್ಟವನು.

ಅನುಮತಿಗಳ ವಿಷಯದಲ್ಲಿ ಸ್ವಲ್ಪ ನಿಲ್ಲೋಣ. ಹಣ ಹೋಗುವುದು ಅಲ್ಲಿಯೇ. ಬಸ್ ಓಡಿಸುವ ಗೇಮ್‌ಗೆ ನಿಮ್ಮ ಎಸ್‌ಎಂಎಸ್ ಏಕೆ ಬೇಕು? ಒಟಿಪಿ ಓದುವುದಕ್ಕೆ ಬಿಟ್ಟು ಬೇರೆ ಕಾರಣ ನಮಗಂತೂ ಹೊಳೆಯುತ್ತಿಲ್ಲ. ಆಕ್ಸೆಸಿಬಿಲಿಟಿ ಎಂಬುದು ದೃಷ್ಟಿದೋಷ ಇರುವವರಿಗೆ, ಕೈ ಬೆರಳು ಸರಿಯಾಗಿ ಆಡದವರಿಗೆ ಎಂದು ಇರುವ ಸೌಲಭ್ಯ. ಅದನ್ನು ಪಡೆದ ಆ್ಯಪ್ ಪರದೆಯ ಮೇಲೆ ಇರುವುದನ್ನೆಲ್ಲ ಓದಬಲ್ಲದು, ನಿಮ್ಮ ಬದಲು ತಾನೇ ಬಟನ್ ಒತ್ತಬಲ್ಲದು. ಮದುವೆ ಆಮಂತ್ರಣ, ಆರ್‌ಟಿಒ ಚಲನ್ ಎಂಬ ಹೆಸರಿನಲ್ಲಿ ಬರುವ ಮೋಸದ ಎಪಿಕೆಗಳು ಕೇಳುವುದೂ ಇಂಥ ಅನುಮತಿಗಳನ್ನೇ. ವೇಷ ಬೇರೆ, ಅಷ್ಟೇ.

ನಮ್ಮ ಕಡೆ ಇನ್ನೊಂದು ತೊಡಕಿದೆ. ಹುಡುಗ ಆಡುವ ಫೋನು ಹುಡುಗನದಲ್ಲ. ಎಷ್ಟೋ ಮನೆಗಳಲ್ಲಿ ಅದು ಅವ್ವನ ಫೋನು. ಗೃಹಲಕ್ಷ್ಮಿಯ 2,000 ರೂಪಾಯಿ ಬಂದ ಎಸ್‌ಎಂಎಸ್ ಅದಕ್ಕೇ ಬರುತ್ತದೆ, ಬ್ಯಾಂಕಿನ ಒಟಿಪಿಯೂ ಅದಕ್ಕೇ, ಹತ್ತಿ ಮಾರಿದ ದುಡ್ಡು ಜಮಾ ಆದದ್ದು ಗೊತ್ತಾಗುವುದೂ ಅದರಲ್ಲೇ. ಸಂಜೆ ಅರ್ಧ ತಾಸು ಗೇಮ್ ಆಡಲೆಂದು ಕೈಗೆ ಬಂದ ಫೋನಿನಲ್ಲಿ 'ಅಲೋ', 'ಅಲೋ', 'ಅಲೋ' ಎಂದು ಮೂರು ಸಲ ಒತ್ತಿದ್ದು ಯಾರಿಗೂ ನೆನಪಿರುವುದಿಲ್ಲ. ಹುಡುಗನಿಗೂ ಇರುವುದಿಲ್ಲ.

ಅನ್‌ಲಿಮಿಟೆಡ್ ಯುಸಿ ಸಿಗುವುದೇ ಇಲ್ಲ

ಬ್ಯಾಂಕ್ ಪಾಸ್‌ಬುಕ್‌ನಲ್ಲಿ 500ರ ಮುಂದೆ ಪೆನ್ನಿನಿಂದ ಎರಡು ಸೊನ್ನೆ ಬರೆದರೆ ಖಾತೆಯಲ್ಲಿ 50,000 ಆಗುತ್ತದೆಯೇ? ಲೆಕ್ಕ ಇರುವುದು ಬ್ಯಾಂಕಿನ ಕಂಪ್ಯೂಟರ್‌ನಲ್ಲಿ. ಬಿಜಿಎಂಐನಂಥ ಆನ್‌ಲೈನ್ ಗೇಮ್‌ಗಳ ಯುಸಿ, ಡೈಮಂಡ್ ಎಲ್ಲ ಹೀಗೆಯೇ, ಲೆಕ್ಕ ಇರುವುದು ಕಂಪನಿಯ ಸರ್ವರ್‌ನಲ್ಲಿ. ಫೋನಿನಲ್ಲಿರುವ ಆ್ಯಪ್ ಎಷ್ಟೇ ತಿದ್ದಿದರೂ ಪರದೆಯ ಮೇಲಿನ ಅಂಕಿ ಬದಲಾದೀತು, ಲೆಕ್ಕ ಬದಲಾಗುವುದಿಲ್ಲ. ತಿದ್ದಿದ ಆ್ಯಪ್ ಬಳಸಿದ್ದು ಗೊತ್ತಾದರೆ ಖಾತೆಯೇ ಬ್ಯಾನ್ ಆಗುತ್ತದೆ. ಇಂಟರ್ನೆಟ್ ಇಲ್ಲದೆ ಆಡುವ ಗೇಮ್‌ಗಳಲ್ಲಿ ನಾಣ್ಯದ ಲೆಕ್ಕ ಫೋನಿನಲ್ಲೇ ಇರುವುದರಿಂದ ಅಲ್ಲಿ ತಿದ್ದಲು ಬರುತ್ತದೆ. ಆ ಅನುಭವ ಇರುವುದರಿಂದಲೇ ಹುಡುಗರು ಎಲ್ಲ ಕಡೆ ನಡೆಯುತ್ತದೆ ಎಂದು ನಂಬುತ್ತಾರೆ.

'ಜಿಟಿಎ 5 ಮೊಬೈಲ್, ಬರೀ 300 ಎಂಬಿ' ಎಂಬುದೂ ಇದೇ ಸಾಲಿನದು. ಜಿಟಿಎ 5 ಅನ್ನು ಫೋನಿನಲ್ಲಿ ಆಡುವ ಆ್ಯಪ್ ಆಗಿ ಅದರ ಕಂಪನಿ ರಾಕ್‌ಸ್ಟಾರ್ ಹೊರತಂದೇ ಇಲ್ಲ. ಕಂಪ್ಯೂಟರ್‌ನಲ್ಲಿ ಅದಕ್ಕೆ 60 ಜಿಬಿಗಿಂತ ಹೆಚ್ಚು ಜಾಗ ಬೇಕು. ಹತ್ತಿಯ ಅಂಡಿಗೆಯನ್ನು ಎಷ್ಟು ಒತ್ತಿದರೂ ಬೆಂಕಿಪೊಟ್ಟಣದಲ್ಲಿ ಹಿಡಿಸಲು ಆಗುವುದಿಲ್ಲ. ಡೌನ್‌ಲೋಡ್ ಮಾಡಲು ಹೋದರೆ "ನೀವು ಮನುಷ್ಯರೆಂದು ಸಾಬೀತುಪಡಿಸಲು ಈ ಎರಡು ಆ್ಯಪ್ ಹಾಕಿಕೊಳ್ಳಿ" ಎಂದು ಬರುತ್ತದೆ. ನೀವು ಹಾಕಿಕೊಂಡ ಪ್ರತಿ ಆ್ಯಪ್‌ಗೂ ಅವರಿಗೆ ಕಮಿಷನ್. ಗೇಮ್ ಕೊನೆಗೂ ಬರುವುದಿಲ್ಲ.

ಕಂಪ್ಯೂಟರ್‌ನಲ್ಲಿ ಗೆರೆ ಇಷ್ಟು ನೇರವಾಗಿಲ್ಲ

ಫೋನಿನಲ್ಲಿ ಎಪಿಕೆ ಬೇಡ ಎಂದರೆ ಹೆಚ್ಚು ಕಡಿಮೆ ಮುಗಿಯಿತು. ಕಂಪ್ಯೂಟರ್ ಗೇಮ್‌ಗಳಲ್ಲಿ ಒಳ್ಳೆಯ ಮಾಡ್‌ಗಳೂ ಎಷ್ಟೋ ಸಲ ಪ್ರೋಗ್ರಾಮ್‌ಗಳೇ ಆಗಿರುತ್ತವೆ. ಮೈನ್‌ಕ್ರಾಫ್ಟ್‌ನ ರಿಸೋರ್ಸ್ ಪ್ಯಾಕ್ ಅಂದರೆ ಚಿತ್ರ, ಸದ್ದುಗಳ ಗಂಟು. ಆದರೆ ಅದೇ ಗೇಮ್‌ನ ಜಾವಾ ಆವೃತ್ತಿಯ ಮಾಡ್‌ಗಳು ಜಾರ್ ಕಡತಗಳು, ಅವು ಓಡುವ ಪ್ರೋಗ್ರಾಮ್‌ಗಳು. 2023ರ ಜೂನ್‌ನಲ್ಲಿ ಕರ್ಸ್‌ಫೋರ್ಜ್ ಎಂಬ ಹೆಸರಾಂತ ಮಾಡ್ ತಾಣದಲ್ಲೇ ಕೆಲವು ಖಾತೆಗಳು ಕಳ್ಳರ ಕೈಗೆ ಸಿಕ್ಕು, ಜನ ನಂಬಿದ್ದ ಮಾಡ್‌ಗಳೊಳಗೆ 'ಫ್ರಾಕ್ಚರೈಸರ್' ಎಂಬ ಕಳ್ಳ ತಂತ್ರಾಂಶ ಸೇರಿಕೊಂಡಿತು. ಬ್ರೌಸರ್‌ನಲ್ಲಿ ಉಳಿಸಿಟ್ಟ ಪಾಸ್‌ವರ್ಡ್‌ಗಳನ್ನು ಕದಿಯುವುದು ಅದರ ಕೆಲಸಗಳಲ್ಲಿ ಒಂದು. ತಾಣದವರೂ ಆಡುವವರೂ ಸೇರಿ ಕೆಲವೇ ದಿನಗಳಲ್ಲಿ ಅದನ್ನು ಪತ್ತೆ ಹಚ್ಚುವ ಸಾಧನ ಹೊರತಂದರು. ಹೆಸರಿರುವ ತಾಣದಿಂದಲೇ ಇಳಿಸಿಕೊಳ್ಳಿ ಎಂದು ನಾವು ಹೇಳುವುದು ಅಲ್ಲಿ ತಪ್ಪು ಆಗುವುದೇ ಇಲ್ಲ ಎಂದಲ್ಲ, ಆದಾಗ ಗೊತ್ತಾಗುತ್ತದೆ ಎಂದು.

ವಿಂಡೋಸ್‌ನಲ್ಲಿ ಇನ್ನೊಂದು ಸಣ್ಣ ವಿಷಯ. ಕಡತದ ಹೆಸರಿನ ಕೊನೆಯ ಭಾಗವನ್ನು ಅದು ತಾನಾಗಿ ಮರೆಮಾಡಿರುತ್ತದೆ. 'ಐರಾವತ.ಪಿಎನ್‌ಜಿ.ಇಎಕ್ಸ್‌ಇ' ಎಂಬ ಕಡತ 'ಐರಾವತ.ಪಿಎನ್‌ಜಿ' ಎಂದಷ್ಟೇ ಕಾಣುತ್ತದೆ. ಚಿತ್ರ ಎಂದು ಒತ್ತಿದರೆ ಪ್ರೋಗ್ರಾಮ್ ಓಡುತ್ತದೆ. ಫೋಲ್ಡರ್‌ನ ವ್ಯೂ ಮೆನುವಿನಲ್ಲಿ 'ಫೈಲ್ ನೇಮ್ ಎಕ್ಸ್‌ಟೆನ್ಶನ್ಸ್' ಎಂಬುದನ್ನು ಚಾಲೂ ಮಾಡಿಟ್ಟರೆ ಬಾಲ ಕಾಣುತ್ತದೆ. ಬರೀ ಬಸ್ಸಿನ ಚಿತ್ರ ಇರುವ ಜಿಪ್ ಕಡತಕ್ಕೆ ಪಾಸ್‌ವರ್ಡ್ ಹಾಕಿದ್ದರೂ ಅನುಮಾನ ಪಡಿ. ಬೀಗ ಹಾಕಿದ ಗಂಟಿನೊಳಗೆ ಆಂಟಿವೈರಸ್ ಇಣುಕಲಾರದು, ಬೀಗ ಹಾಕುವವರಲ್ಲಿ ಹಲವರ ಉದ್ದೇಶ ಅದೇ.

ಮತ್ತೆ ನಾರಾಯಣಪುರದ ಬಸ್ಸಿಗೆ ಬರೋಣ. ಆ ಹುಡುಗ ಪ್ಲೇ ಸ್ಟೋರ್‌ನಿಂದ ಅಸಲಿ ಗೇಮ್ ಹಾಕಿಕೊಂಡು, ಬಸ್ಸಿನ ಕಡತ ಮತ್ತು ಲಿವರಿ ಚಿತ್ರ ಮಾತ್ರ ತಂದಿದ್ದರೆ ಬೈಯುವಂಥದ್ದೇನೂ ಆಗಿಲ್ಲ. ಬಸ್ಸಿನ ಕಡತ ಹುಡುಕಿ ಹೋದವನಿಗೆ ದೊಡ್ಡ ಹಸಿರು ಡೌನ್‌ಲೋಡ್ ಬಟನ್ ಒತ್ತಿ ಎಪಿಕೆ ಸಿಕ್ಕಿದ್ದರೆ, ಅದು ಬಟನ್ ಅಲ್ಲ, ಜಾಹೀರಾತು. ಅದನ್ನು ತೆರೆಯದೆ ಅಳಿಸಬೇಕು.

ಈಗಾಗಲೇ ಹಾಕಿ, ಅನುಮತಿಯನ್ನೂ ಕೊಟ್ಟಾಗಿದ್ದರೆ ಮೊದಲು ಫೋನನ್ನು ಏರೋಪ್ಲೇನ್ ಮೋಡ್‌ಗೆ ಹಾಕಿ, ವೈಫೈ ಕೂಡ ಬಂದ್ ಮಾಡಿ. ಬೇರೆ ಫೋನಿನಿಂದ ಬ್ಯಾಂಕಿಗೆ ಕರೆ ಮಾಡಿ ಖಾತೆ ತಡೆಹಿಡಿಸಿ. ಹಣ ಹೋಗಿದ್ದರೆ ತಡಮಾಡದೆ 1930ಕ್ಕೆ ಕರೆ ಮಾಡಿ. ದುಡ್ಡು ಒಂದು ಖಾತೆಯಿಂದ ಇನ್ನೊಂದಕ್ಕೆ ಬೇಗ ಬೇಗ ದಾಟುತ್ತಿರುತ್ತದೆ, ಮೊದಲ ಒಂದೆರಡು ತಾಸಿನಲ್ಲಿ ಹೇಳಿದರೆ ನಡುವೆ ತಡೆಯುವ ಸಾಧ್ಯತೆ ಹೆಚ್ಚು. ಹುಡುಗನನ್ನು ಹೊಡೆಯುವುದು ಆಮೇಲೆ ಇರಲಿ, ಯಾವ ಲಿಂಕ್, ಯಾವ ಹೊತ್ತಿಗೆ ಎಂದು ಅವನಿಗಷ್ಟೇ ಗೊತ್ತು, ಪೊಲೀಸರು ಕೇಳುವುದೂ ಅದನ್ನೇ. ಆ್ಯಪ್ ಅನ್‌ಇನ್‌ಸ್ಟಾಲ್ ಆಗಲು ಒಪ್ಪದಿದ್ದರೆ ಸೆಟ್ಟಿಂಗ್ಸ್‌ನ ಆಕ್ಸೆಸಿಬಿಲಿಟಿ ಮತ್ತು ಡಿವೈಸ್ ಅಡ್ಮಿನ್ ಪಟ್ಟಿಯಲ್ಲಿ ಅದನ್ನು ಆಫ್ ಮಾಡಿ, ಆಮೇಲೆ ತೆಗೆಯಿರಿ. ಅದಕ್ಕೂ ಬಗ್ಗದಿದ್ದರೆ ಫ್ಯಾಕ್ಟರಿ ರೀಸೆಟ್ ಒಂದೇ ದಾರಿ. ಫೋಟೊ, ನಂಬರ್‌ಗಳನ್ನು ಉಳಿಸಿಕೊಳ್ಳಿ, ಬ್ಯಾಕಪ್‌ನಲ್ಲಿ ಆ ಎಪಿಕೆ ಕಡತ ಮಾತ್ರ ಉಳಿಯಬಾರದು.